ವಿಯಾತಿಕುಂ ಅಂದರೆ ದಾರಿಬುತ್ತಿ

ಪ್ರಶ್ನೆ: ನಮ್ಮ ಅಜ್ಜಿ 1958ರ ಜುಲೈನಲ್ಲಿ ತೀರಿಕೊಂಡರು. ಜಮೀನಿನ ಕಾಗದಪತ್ರದ ಕೆಲಸಕ್ಕೆ ಬೇಕಾಗಿ ಚರ್ಚಿನ ಹಳೇ ಮರಣದ ಪುಸ್ತಕದಿಂದ ನಕಲು ತೆಗೆಸಿದೆವು. ಅಜ್ಜಿಯ ಹೆಸರಿನ ಮುಂದೆ ‘ವಿಯಾತಿಕೋ ಮುನೀತಾ’ ಎಂದು ಲ್ಯಾಟಿನ್‌ನಲ್ಲಿ ಬರೆದಿದೆ. ಮನೆಯಲ್ಲಿ ಯಾರಿಗೂ ಅರ್ಥ ಗೊತ್ತಿಲ್ಲ. ಯಾವುದೋ ಕಾಯಿಲೆಯ ಹೆಸರಿರಬೇಕು ಅಂತ ಅಣ್ಣ ಹೇಳುತ್ತಾನೆ. ಏನದು?
– ಸಿದ್ದಾಪುರದ ಓದುಗರು

ಉತ್ತರ: ಕಾಯಿಲೆಯ ಹೆಸರಲ್ಲ. ಆ ಪುಸ್ತಕದಲ್ಲಿ ನಿಮ್ಮ ಅಜ್ಜಿಯ ಬಗ್ಗೆ ಬರೆಯಬಹುದಾಗಿದ್ದ ಮಾತುಗಳಲ್ಲೇ ತುಂಬ ಒಳ್ಳೆಯ ಮಾತು ಅದು.

ಲ್ಯಾಟಿನ್‌ನಲ್ಲಿ ‘ವಿಯಾ’ ಅಂದರೆ ದಾರಿ. ದಾರಿಗೆ ಬೇಕಾಗುವಂಥದ್ದು ‘ವಿಯಾತಿಕುಂ’. ತಿನ್ನಲು ಏನಾದರೂ, ಹೊದೆಯಲು ಒಂದು ಬಟ್ಟೆ, ಕೈಖರ್ಚಿಗೆ ನಾಲ್ಕು ಕಾಸು. ಊರು ಬಿಟ್ಟು ಹೊರಟವರ ಕೈಗೆ ಮನೆಯವರು ಕೊಟ್ಟು ಕಳಿಸುವುದೆಲ್ಲ ವಿಯಾತಿಕುಂ. ಮೊದಲಿಗೆ ಈ ಪದಕ್ಕೂ ಚರ್ಚಿಗೂ ಸಂಬಂಧವೇ ಇರಲಿಲ್ಲ.

ಇದಕ್ಕೆ ಒಂದು ಕಾಗದ ಸಾಕ್ಷಿ. ಎರಡನೇ ಶತಮಾನದಲ್ಲಿ ಈಜಿಪ್ಟಿನ ಅಪಿಯೋನ್ ಎಂಬ ಹುಡುಗ ರೋಮನ್ ನೌಕಾಪಡೆಗೆ ಸೇರಿದ. ಸಮುದ್ರದಲ್ಲಿ ಜೀವಕ್ಕೆ ಅಪಾಯ ಬಂದು, ಹೇಗೋ ಉಳಿದು, ಇಟಲಿಯ ಮಿಸೇನುಂ ಬಂದರು ತಲುಪಿದ. ಅಲ್ಲಿಂದ ಅಪ್ಪನಿಗೆ ಬರೆದ: ಕ್ಷೇಮವಾಗಿ ಬಂದಿದ್ದೇನೆ, ಇಲ್ಲಿಗೆ ಬಂದಾಗ ಸೀಸರನ (ಚಕ್ರವರ್ತಿಯ) ಕಡೆಯಿಂದ ಮೂರು ಚಿನ್ನದ ನಾಣ್ಯ ವಿಯಾತಿಕುಂ ಸಿಕ್ಕಿತು ಅಂತ. ಆ ಕಾಗದ ಇವತ್ತಿಗೂ ಉಳಿದಿದೆ. ಓದಿದಾಗಲೆಲ್ಲ ನನಗೆ ನಮ್ಮ ಊರಿನ ಮನೆಗಳು ನೆನಪಾಗುತ್ತವೆ. ಮಗನನ್ನು ಸೈನ್ಯಕ್ಕೆ ಕಳಿಸಿ, ‘ಸೇರಿದೆ, ಚೆನ್ನಾಗಿದ್ದೇನೆ’ ಎಂಬ ಮೊದಲ ಸುದ್ದಿಗೆ ಕಾದು ಕೂತ ಮನೆಗಳು ಕೊಡಗಿನಲ್ಲಿ ಎಷ್ಟಿಲ್ಲ!

ಕ್ರೈಸ್ತರು ಈ ಬಳಕೆಯ ಮಾತನ್ನೇ ಎತ್ತಿಕೊಂಡರು. ಸಾಯುವ ಮುನ್ನ ಒಬ್ಬ ವಿಶ್ವಾಸಿ ಸ್ವೀಕರಿಸುವ ಪರಮಪ್ರಸಾದಕ್ಕೆ, ಅಂದರೆ ಕ್ರಿಸ್ತರ ದೇಹವೆಂದು ನಂಬಿ ತಿನ್ನುವ ರೊಟ್ಟಿಯ ಚೂರಿಗೆ, ಅದನ್ನು ಹೆಸರಾಗಿ ಇಟ್ಟರು. ಗ್ರೀಕ್ ಭಾಷೆಯವರು ‘ಎಫೋದಿಯೋನ್’ ಅಂದರು. ಅದರೊಳಗೂ ಇರುವುದು ದಾರಿಯೇ. 325ರಲ್ಲಿ ನಿಸಿಯಾದಲ್ಲಿ ಸೇರಿದ ಧರ್ಮಾಧ್ಯಕ್ಷರ (ಬಿಷಪ್ಪರ) ಸಭೆ ತನ್ನ 13ನೇ ನಿಯಮದಲ್ಲಿ ಇದನ್ನು ಹೇಳಿತು. ಸಾಯುವ ಸ್ಥಿತಿಯಲ್ಲಿ ಇರುವವರು ಯಾರೇ ಆಗಲಿ, ಈ ಕೊನೆಯ, ತೀರಾ ಅಗತ್ಯದ ದಾರಿಬುತ್ತಿಯನ್ನು ಅವರಿಗೆ ತಪ್ಪಿಸಬಾರದು ಅಂತ. ಇದು ಹಿಂದಿನಿಂದ ಬಂದ ಕ್ರಮ ಎಂದೂ ಅದೇ ನಿಯಮ ಹೇಳುತ್ತದೆ. ಅಂದರೆ 325ಕ್ಕೇ ಇದು ಹಳೆಯದು.

ದಾರಿಬುತ್ತಿ ಎಂಬುದು ನಾನು ಬಳಸುವ ಮಾತು. ಇದಕ್ಕಿಂತ ಸರಿಯಾದ ಕನ್ನಡ ನನಗೆ ಸಿಕ್ಕಿಲ್ಲ. ಬುತ್ತಿಯನ್ನು ಯಾರೂ ತಮಗೆ ತಾವೇ ಕಟ್ಟಿಕೊಂಡ ಹಾಗೆ ನೆನೆಯುವುದಿಲ್ಲ. ತವರಿನ ಬುತ್ತಿ ಅನ್ನುತ್ತೇವೆ, ಅಮ್ಮ ಕಟ್ಟಿದ ಬುತ್ತಿ ಅನ್ನುತ್ತೇವೆ. ಕೊಟ್ಟವರ ಕೈ ಅದರ ಜೊತೆಗೇ ಬರುತ್ತದೆ. ಬಿಚ್ಚಿದಾಗ ಮನೆಯ ವಾಸನೆ. ವಿಯಾತಿಕುಂನಲ್ಲೂ ಅಷ್ಟೇ. ಕೊಡುವವರು ಪ್ರಭು ಯೇಸು, ಬುತ್ತಿಯೂ ಅವರೇ, ದಾರಿಯ ಜೊತೆಗಾರರೂ ಅವರೇ ಎನ್ನುವುದು ನಮ್ಮ ನಂಬಿಕೆ.

ಇನ್ನು ‘ಮುನೀತಾ’. ‘ಬಲ ಪಡೆದವಳು, ಸಜ್ಜಾದವಳು’ ಎಂದು ಅರ್ಥ. ಗಂಡಸರ ಹೆಸರಿನ ಮುಂದೆ ‘ಮುನೀತುಸ್’ ಎಂದಿರುತ್ತದೆ. ಕೋಟೆಗೆ ಗೋಡೆ ಕಟ್ಟಿ ಭದ್ರ ಮಾಡುವುದಕ್ಕೂ, ರಸ್ತೆ ಕಡಿಯುವುದಕ್ಕೂ ರೋಮನ್ನರು ಬಳಸುತ್ತಿದ್ದ ಕ್ರಿಯಾಪದ ಇದರ ಮೂಲ. ಒಟ್ಟಿನಲ್ಲಿ, ನಿಮ್ಮ ಅಜ್ಜಿ ದಾರಿಬುತ್ತಿಯಿಂದ ಬಲ ಪಡೆದು ಹೊರಟರು ಎಂದು ಆ ಫಾದರ್ ಬರೆದಿಟ್ಟಿದ್ದಾರೆ.

ಆ ಎರಡೇ ಪದಗಳಿಂದ ಇನ್ನೂ ಏನೇನು ತಿಳಿಯುತ್ತದೆ ನೋಡಿ. 1958ರ ಜುಲೈ. ಸಿದ್ದಾಪುರ. ಆಗಿನ ಮಳೆ, ಆಗಿನ ದಾರಿ ನೆನೆಸಿಕೊಳ್ಳಿ. ಯಾರೋ ಒಬ್ಬರು ಆ ಮಳೆಯಲ್ಲಿ ಚರ್ಚಿಗೆ ಹೋಗಿ ಹೇಳಿದ್ದಾರೆ. ಫಾದರ್ ಹೊರಟು ಬಂದಿದ್ದಾರೆ. ಅವರು ತಲುಪುವಾಗ ಅಜ್ಜಿಗೆ ಎಚ್ಚರ ಇತ್ತು, ಒಂದು ಚೂರು ನುಂಗುವಷ್ಟು ಶಕ್ತಿ ಇತ್ತು. ಇಲ್ಲದಿದ್ದರೆ ಆ ಮಾತು ಬರೆಯುತ್ತಿರಲಿಲ್ಲ. ಆಗ ಪೂಜಾವಿಧಿ ಲ್ಯಾಟಿನ್‌ನಲ್ಲೇ ನಡೆಯುತ್ತಿತ್ತು. ಪ್ರಸಾದ ಕೊಡುವಾಗ ದಿನನಿತ್ಯದ ಮಾತು ಬಿಟ್ಟು, ಈ ಹೊತ್ತಿಗೆಂದೇ ಇದ್ದ ಮಾತನ್ನು ಹೇಳುತ್ತಿದ್ದರು. ಕನ್ನಡದಲ್ಲಿ ಹೇಳಿದರೆ ಹೀಗಾಗುತ್ತದೆ: “ತಂಗೀ, ನಮ್ಮ ಪ್ರಭು ಯೇಸುಕ್ರಿಸ್ತರ ದೇಹದ ದಾರಿಬುತ್ತಿಯನ್ನು ತೆಗೆದುಕೋ. ಅವರು ನಿನ್ನನ್ನು ದುಷ್ಟ ವೈರಿಯಿಂದ ಕಾಪಾಡಿ ನಿತ್ಯಜೀವಕ್ಕೆ ಕರೆದೊಯ್ಯಲಿ.” ನಿಮ್ಮ ಅಜ್ಜಿಯ ಕಿವಿಗೆ ಬಿದ್ದ ಮಾತು ಅದು. ಅಣ್ಣನಿಗೆ ಇದನ್ನು ಓದಿ ಹೇಳಿ.

ಪ್ರಶ್ನೆ: ಅಪ್ಪನಿಗೆ 78 ವರ್ಷ. ಆಸ್ಪತ್ರೆಯಲ್ಲಿ ಇನ್ನು ಮಾಡುವುದೇನೂ ಇಲ್ಲ, ಮನೆಗೆ ಕರೆದುಕೊಂಡು ಹೋಗಿ ಅಂದರು. ಮಾತಾಡುತ್ತಾರೆ, ಎಲ್ಲರ ಗುರುತು ಹಿಡಿಯುತ್ತಾರೆ. ನುಂಗುವುದು ಮಾತ್ರ ಕಷ್ಟ. ಫಾದರ್‌ಗೆ ಹೇಳೋಣ ಅಂದರೆ ನಮ್ಮವರು ಒಪ್ಪುತ್ತಿಲ್ಲ. ಈಗಲೇ ಕರೆಸಿದರೆ ಅಪ್ಪ ಹೆದರಿಕೊಳ್ಳುತ್ತಾರೆ, ಕೊನೇ ಗಳಿಗೆಯಲ್ಲಿ ಎಣ್ಣೆ ಹಚ್ಚಿಸಿದರೆ ಸಾಕು ಅನ್ನುತ್ತಾರೆ. ಏನು ಮಾಡಲಿ?
– ವಿರಾಜಪೇಟೆಯ ಓದುಗರು

ಉತ್ತರ: ಅಮ್ಮಾ, ಇವತ್ತೇ ಹೇಳಿ ಕಳಿಸಿ. ನಾಳೆಗೆ ಇಡಬೇಡಿ.

ಎಣ್ಣೆ ಹಚ್ಚುವುದು ಬೇರೆ, ದಾರಿಬುತ್ತಿ ಬೇರೆ. ನಮ್ಮಲ್ಲಿ ಎರಡನ್ನೂ ಕಲಸಿ ‘ಕೊನೇ ಎಣ್ಣೆ’ ಅಂದುಬಿಡುತ್ತಾರೆ. ತೈಲಲೇಪನ ರೋಗಿಗಳ ಸಂಸ್ಕಾರ. ಅದನ್ನು ಕೊನೆಯ ಉಸಿರಿನವರೆಗೆ ಕಾಯಿಸಬೇಕಿಲ್ಲ ಎಂದು ಎರಡನೇ ವ್ಯಾಟಿಕನ್ ಮಹಾಸಭೆ 1963ರಲ್ಲೇ ಸ್ಪಷ್ಟವಾಗಿ ಹೇಳಿದೆ. ದೊಡ್ಡ ಆಪರೇಷನ್ನಿಗೆ ಮೊದಲು, ವಯಸ್ಸಾಗಿ ಶಕ್ತಿ ಕುಂದಿದಾಗ, ಯಾವಾಗ ಬೇಕಾದರೂ ಪಡೆಯಬಹುದು. ಲೋಕ ಬಿಟ್ಟು ಹೋಗುವವರಿಗೆಂದೇ ಇರುವುದು ವಿಯಾತಿಕುಂ. ಕ್ರಮ ಹೀಗೆ: ಮೊದಲು ಪಾಪನಿವೇದನೆ, ಆಮೇಲೆ ತೈಲಲೇಪನ, ಕೊನೆಗೆ ಪರಮಪ್ರಸಾದ.

ಎಣ್ಣೆಯನ್ನು ಪ್ರಜ್ಞೆ ತಪ್ಪಿದವರಿಗೂ ಹಚ್ಚಬಹುದು. ಬುತ್ತಿ ಹಾಗಲ್ಲ. ಅದನ್ನು ತಿನ್ನಬೇಕು. ಅದಕ್ಕೇ 1983ರ ಧರ್ಮಸಭೆಯ ಕಾನೂನು, ದಾರಿಬುತ್ತಿಯನ್ನು ಜಾಸ್ತಿ ತಡ ಮಾಡಬೇಡಿ, ರೋಗಿಗೆ ಪೂರ್ತಿ ಎಚ್ಚರ ಇರುವಾಗಲೇ ಸಿಗುವ ಹಾಗೆ ನೋಡಿಕೊಳ್ಳಿ ಎನ್ನುತ್ತದೆ.

ತಡವಾದದ್ದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಕಾಫಿ ಕೊಯ್ಲಿನ ದಿನಗಳು. ರಾತ್ರಿ ಹತ್ತರ ಹೊತ್ತಿಗೆ ತೋಟದ ಮನೆಯೊಂದರಿಂದ ಫೋನ್ ಬಂತು. ಫಾದರ್ ಜೊತೆ ನಾನೂ ಹೋದೆ. ಅವರ ಕತ್ತಿನಲ್ಲಿ ಒಂದು ಸಣ್ಣ ಚೀಲ, ಅದರೊಳಗೆ ಪ್ರಸಾದದ ಡಬ್ಬಿ. ಕೈಗಡಿಯಾರದ ಮುಖಕ್ಕಿಂತ ಸ್ವಲ್ಪ ದೊಡ್ಡದು, ಒಳಗೆ ಚಿನ್ನದ ಬಣ್ಣ. ನಾವು ತಲುಪುವಾಗ ಅಜ್ಜನಿಗೆ ಪ್ರಜ್ಞೆ ಇರಲಿಲ್ಲ. ಫಾದರ್ ಎಣ್ಣೆ ಹಚ್ಚಿದರು, ಕಿವಿಯ ಹತ್ತಿರ ಬಾಗಿ ಪ್ರಾರ್ಥನೆ ಹೇಳಿದರು. ಡಬ್ಬಿ ತೆರೆಯಲಿಲ್ಲ. ಹೊರಗೆ ಬಂದಾಗ ಮಗ ಹೇಳಿದ, “ಬೆಳಿಗ್ಗೆ ಎದ್ದು ಕೂತು ಕಾಫಿ ಕುಡಿದಿದ್ದರು ಫಾದರ್. ಫಾದರ್ ಯಾವಾಗ ಬರ್ತಾರೆ ಅಂತ ಕೇಳಿದ್ದರು.” ಅಪ್ಪ ಹೆದರಿಕೊಂಡಾರು ಅಂತ ಮನೆಯವರು ಸುಮ್ನೆ ಕಾದಿದ್ದರು. ಅಪ್ಪನಿಗೆ ಹೆದರಿಕೆ ಇರಲಿಲ್ಲ. ಅವರು ದಾರಿ ನೋಡುತ್ತಿದ್ದರು.

ಹಾಗಾಗಿ ಅವರ ಪರವಾಗಿ ನೀವೇ ತೀರ್ಮಾನ ಮಾಡಬೇಡಿ. ಪಕ್ಕದಲ್ಲಿ ಕೂತು ಕೈ ಹಿಡಿದುಕೊಂಡು ಕೇಳಿ: “ಅಪ್ಪಾ, ಪ್ರಸಾದ ತಗೊಳ್ತೀರಾ? ಫಾದರ್‌ಗೆ ಬರೋಕೆ ಹೇಳಲಾ?” ಅಷ್ಟು ಸಾಕು.

ನುಂಗಲು ಕಷ್ಟ ಅಂದಿರಲ್ಲ, ಅದಕ್ಕೆ ಹಳೆಯ ಕಥೆಯೊಂದು ಇದೆ. ಮೂರನೇ ಶತಮಾನ, ಅಲೆಕ್ಸಾಂಡ್ರಿಯಾ ಪಟ್ಟಣ. ಸೆರಾಪಿಯೋನ್ ಎಂಬ ಮುದುಕ, ಹಿಂಸೆಯ ಕಾಲದಲ್ಲಿ ಹೆದರಿ ವಿಶ್ವಾಸ ಬಿಟ್ಟಿದ್ದವನು. ಮತ್ತೆ ಸೇರಿಸಿಕೊಳ್ಳಿ ಎಂದು ಬೇಡಿದರೂ ಯಾರೂ ಕಿವಿಗೊಟ್ಟಿರಲಿಲ್ಲ. ಕಾಯಿಲೆ ಬಿದ್ದು, ಮೂರು ದಿನ ಮಾತಿಲ್ಲದೆ ಮಲಗಿ, ನಾಲ್ಕನೇ ದಿನ ಎಚ್ಚರಾದಾಗ ಗುರುವನ್ನು ಕರೆತರಲು ಮಗಳ ಮಗನನ್ನು ಓಡಿಸಿದ. ರಾತ್ರಿ. ಗುರುವೂ ಹಾಸಿಗೆ ಹಿಡಿದಿದ್ದರು. ಅವರು ಪ್ರಸಾದದ ಒಂದು ಚೂರನ್ನು ಹುಡುಗನ ಕೈಗೆ ಕೊಟ್ಟು, ನೆನೆಸಿ ತಾತನ ಬಾಯಿಗೆ ಹಾಕು ಅಂದರು. ಹುಡುಗ ಹಾಗೇ ಮಾಡಿದ. ಮುದುಕ ಅದನ್ನು ನುಂಗಿ, ಆ ಕ್ಷಣವೇ ಪ್ರಾಣ ಬಿಟ್ಟ. ಆ ಊರಿನ ಧರ್ಮಾಧ್ಯಕ್ಷ ದಿಯೊನಿಸಿಯಸ್ ಇದನ್ನು ಕಾಗದದಲ್ಲಿ ಬರೆದರು, ಯುಸೇಬಿಯಸ್ ತಾವು ಬರೆದ ಧರ್ಮಸಭೆಯ ಚರಿತ್ರೆಯಲ್ಲಿ ಅದನ್ನು ಸೇರಿಸಿದರು. ಆ ಹುಡುಗ ಕತ್ತಲಲ್ಲಿ ಮುಷ್ಟಿ ಬಿಗಿ ಹಿಡಿದು ಓಡಿರಬಹುದಾದ ರೀತಿಯನ್ನು ನಾನು ಎಷ್ಟೋ ಸಲ ಕಲ್ಪಿಸಿಕೊಂಡಿದ್ದೇನೆ.

ಇಂದಿಗೂ ಸಾಸಿವೆಯಷ್ಟು ಚೂರು ಸಾಕು. ಚಮಚದಲ್ಲಿ ನೀರಿನ ಜೊತೆ ಕೊಡಬಹುದು. ಅದೂ ಆಗದಿದ್ದರೆ ದ್ರಾಕ್ಷಾರಸದ ರೂಪದಲ್ಲಿ ಮಾತ್ರ ಕೊಡುವುದಕ್ಕೂ ಅವಕಾಶ ಇದೆ. ಆದರೆ ಇದನ್ನು ಫಾದರ್‌ಗೆ ಮೊದಲೇ ತಿಳಿಸಬೇಕು, ಅವರು ಅದಕ್ಕೆ ತಯಾರಾಗಿ ಬರಬೇಕಾಗುತ್ತದೆ. ರೋಗಿಗೂ, ನೋಡಿಕೊಳ್ಳುವವರಿಗೂ ಪ್ರಸಾದಕ್ಕೆ ಮುಂಚಿನ ಒಂದು ಗಂಟೆಯ ಉಪವಾಸ ಕಡ್ಡಾಯವಲ್ಲ. ಗಂಜಿ ಕುಡಿಸಿದ್ದೇವಲ್ಲ ಅಂತ ಹಿಂಜರಿಯಬೇಡಿ.

ಮಂಚದ ಪಕ್ಕ ಒಂದು ಸಣ್ಣ ಮೇಜು, ಬಿಳಿ ಬಟ್ಟೆ, ಶಿಲುಬೆ, ಮೇಣದ ಬತ್ತಿ, ಒಂದು ಲೋಟ ನೀರು, ಚಮಚ ಇಡಿ. ಟಿವಿ ಆರಿಸಿ. ಫಾದರ್ ಪಾಪನಿವೇದನೆ ಕೇಳುವಾಗ ಎಲ್ಲರೂ ಹೊರಗೆ ಬನ್ನಿ, ಆಮೇಲೆ ಎಲ್ಲರೂ ಒಳಗೆ ಹೋಗಿ. ಮಕ್ಕಳನ್ನೂ ಕರೆದುಕೊಳ್ಳಿ. ಫಾದರ್ ನಿಮ್ಮ ಅಪ್ಪನಿಗೆ ಕೆಲವು ಪ್ರಶ್ನೆ ಕೇಳುತ್ತಾರೆ. ಅವೆಲ್ಲ ದೀಕ್ಷಾಸ್ನಾನದ ದಿನ ಕೇಳುವ ಪ್ರಶ್ನೆಗಳೇ. 78 ವರ್ಷದ ಹಿಂದೆ ಮಗುವಾಗಿದ್ದಾಗ ಅವರ ಪರವಾಗಿ ಬೇರೆಯವರು ಉತ್ತರ ಕೊಟ್ಟಿದ್ದರು. ಈ ಸಲ ಅವರೇ ‘ವಿಶ್ವಾಸಿಸುತ್ತೇನೆ’ ಅನ್ನುತ್ತಾರೆ. ಪ್ರಸಾದ ಕೊಟ್ಟ ಮೇಲೆ, “ಪ್ರಭು ಯೇಸುಕ್ರಿಸ್ತರು ನಿಮ್ಮನ್ನು ಕಾಪಾಡಿ ನಿತ್ಯಜೀವಕ್ಕೆ ನಡೆಸಲಿ” ಎಂಬ ಅರ್ಥದ ಮಾತು ಬರುತ್ತದೆ. ಇದು ದಾರಿಬುತ್ತಿಯ ಗುರುತು, ಮಾಮೂಲಿ ಪ್ರಸಾದಕ್ಕೆ ಇದನ್ನು ಹೇಳುವುದಿಲ್ಲ.

ಪಡೆದ ಮೇಲೆ ಅಪ್ಪ ಚೇತರಿಸಿಕೊಂಡರೆ? ದೇವರಿಗೆ ವಂದನೆ ಹೇಳಿ, ಅಷ್ಟೇ. ಅಪಾಯ ಮುಂದುವರಿದರೆ ಬೇರೆ ಬೇರೆ ದಿನ ಮತ್ತೆ ಮತ್ತೆ ಪಡೆಯಬಹುದು. ಎಷ್ಟು ಸಲ ಹಸಿದರೂ ಬುತ್ತಿ ಬಿಚ್ಚಬಹುದು, ಅಲ್ವಾ?

ಇನ್ನೊಂದು ಮಾತು, ಮಳೆಗಾಲದವರಿಗೆ. ಮರ ಬಿದ್ದು, ಗುಡ್ಡ ಜರಿದು ದಾರಿ ಬಂದ್ ಆದರೆ ಫಾದರ್ ಬರುವುದು ಕಷ್ಟ. ಪಾಪನಿವೇದನೆಗೂ ಎಣ್ಣೆಗೂ ಗುರುಗಳೇ ಬೇಕು. ದಾರಿಬುತ್ತಿಯನ್ನು ಮಾತ್ರ ಅಗತ್ಯ ಬಿದ್ದರೆ ಪ್ರಸಾದ ಹಂಚಲು ನೇಮಕವಾದ ಸಿಸ್ಟರ್ ಅಥವಾ ಗೃಹಸ್ಥರೂ ತರಬಹುದು. ಹತ್ತಿರದಲ್ಲಿ ಅಂಥವರು ಯಾರಿದ್ದಾರೆ ಎಂದು ಜೂನ್‌ಗೆ ಮುಂಚೆಯೇ ಕೇಳಿಟ್ಟುಕೊಳ್ಳಿ.

ಪ್ರಶ್ನೆ: ನಾವು ಕೊಡವರು. ತಲಕಾವೇರಿಯಿಂದ ತಂದ ತೀರ್ಥ ಮನೆಯಲ್ಲಿ ಇಟ್ಟಿರುತ್ತೇವೆ, ಹೋಗುವವರ ಬಾಯಿಗೆ ಬಿಡುತ್ತೇವೆ. ಪಕ್ಕದ ಕ್ರೈಸ್ತರ ಮನೆಯಲ್ಲೂ ಕೊನೆಗೆ ಏನೋ ಕೊಟ್ಟರು. ಎರಡೂ ಒಂದೇ ಥರವೇ?
– ಮಡಿಕೇರಿಯ ಓದುಗರು

ಉತ್ತರ: ಹೊರಟವರನ್ನು ಬರಿಗೈಲಿ, ಬರಿಬಾಯಲ್ಲಿ ಕಳಿಸಬಾರದು ಎಂಬ ಪ್ರೀತಿ ಒಂದೇ. ಆ ಪ್ರೀತಿಯನ್ನು ನಾನು ಗೌರವದಿಂದ ಕಾಣುತ್ತೇನೆ. ಅರ್ಥ ಮಾತ್ರ ಬೇರೆ. ತುಲಾ ಸಂಕ್ರಮಣದ ತೀರ್ಥದಲ್ಲಿ ನಿಮಗೆ ಕಾವೇರಮ್ಮೆ ಇದ್ದಾಳೆ. ನಮಗೆ ಆ ರೊಟ್ಟಿಯ ಚೂರಿನಲ್ಲಿ ಕ್ರಿಸ್ತರಿದ್ದಾರೆ. ಇನ್ನೂ ಒಂದು ವ್ಯತ್ಯಾಸ ಇದೆ. ಉಸಿರು ನಿಂತ ಮೇಲೆ ನಮ್ಮಲ್ಲಿ ಪ್ರಸಾದ ಕೊಡುವುದಿಲ್ಲ. ಹಿಂದೆ ಕೆಲವು ಕಡೆ ಸತ್ತವರ ಬಾಯಲ್ಲಿ ಇಡುವ ರೂಢಿ ಬಂದಿತ್ತು. 397ರಲ್ಲಿ ಕಾರ್ತೇಜಿನ ಸಭೆ ಅದನ್ನು ಬೇಡ ಅಂದಿತು. ಕಾರಣ ತುಂಬ ಸರಳ: ‘ತೆಗೆದುಕೊಂಡು ತಿನ್ನಿ’ ಎಂದು ಪ್ರಭು ಹೇಳಿದ್ದಾರೆ, ಶವ ತೆಗೆದುಕೊಳ್ಳಲಾರದು, ತಿನ್ನಲಾರದು.

ಪ್ರಶ್ನೆ: ನಾವು ಸಿ.ಎಸ್.ಐ. (ಚರ್ಚ್ ಆಫ್ ಸೌತ್ ಇಂಡಿಯಾ) ಎಂಬ ಪ್ರೊಟೆಸ್ಟಂಟ್ ಸಭೆಯವರು. ನಮ್ಮಲ್ಲಿ ಈ ಪದ ಕೇಳಿಲ್ಲ.
– ಮಡಿಕೇರಿಯ ಇನ್ನೊಬ್ಬರು

ಉತ್ತರ: ಪದ ನಿಮ್ಮಲ್ಲಿ ಬಳಕೆಯಲ್ಲಿಲ್ಲ, ಕೆಲಸ ಇದೆ. ರೋಗಿಯ ಮನೆಯಲ್ಲೇ ಪ್ರಭುಭೋಜನ (ನಾವು ಪರಮಪ್ರಸಾದ ಅನ್ನುವುದು) ಕೊಡುವ ವಿಧಿ, ನಿಮ್ಮ ಸಭೆಯ ಮೂಲಗಳಲ್ಲಿ ಒಂದಾದ ಆಂಗ್ಲಿಕನ್ ಸಭೆಯ 1549ರ ಪ್ರಾರ್ಥನಾ ಪುಸ್ತಕದಲ್ಲೇ ಬಂದಿದೆ. ನಿಮ್ಮ ಅಯ್ಯನವರನ್ನು ಕೇಳಿ, ಖಂಡಿತ ಬರುತ್ತಾರೆ.

ಪ್ರಶ್ನೆ: ನಮ್ಮ ಅಮ್ಮಚ್ಚಿ ಕೇರಳದಿಂದ ಬಂದವರು. ಹಾಸಿಗೆ ಹಿಡಿದಿದ್ದಾರೆ. ‘ತಿರುಪಾಥೇಯಂ’ ಬೇಕು ಅನ್ನುತ್ತಾರೆ. ನಮಗೆ ಮಕ್ಕಳಿಗೆ ಅದು ಅರ್ಥವಾಗುತ್ತಿಲ್ಲ. ನೀವು ಹೇಳುವ ದಾರಿಬುತ್ತಿಯೇ ಅದು?
– ಅಮ್ಮತ್ತಿಯ ಓದುಗರು

ಉತ್ತರ: ಅದೇ. ‘ಪಾಥೇಯ’ ಅಂದರೆ ಸಂಸ್ಕೃತದಲ್ಲಿ ದಾರಿಯ ಬುತ್ತಿ, ‘ತಿರು’ ಅಂದರೆ ಪವಿತ್ರ. ಮಲಯಾಳಂ ಕ್ರೈಸ್ತರು ಲ್ಯಾಟಿನ್ ಪದವನ್ನು ಎಷ್ಟು ಚೆನ್ನಾಗಿ ತಮ್ಮದು ಮಾಡಿಕೊಂಡಿದ್ದಾರೆ ನೋಡಿ. ಫಾದರ್‌ಗೆ ಫೋನ್ ಮಾಡುವಾಗ ವಿಯಾತಿಕುಂ ಅನ್ನಿ, ಅವರಿಗೆ ತಕ್ಷಣ ತಿಳಿಯುತ್ತದೆ. ಅಮ್ಮಚ್ಚಿಯ ಪಕ್ಕ ಕೂತಾಗ ಮಾತ್ರ ತಿರುಪಾಥೇಯಂ ಅಂತಲೇ ಹೇಳಿ. ಚಿಕ್ಕಂದಿನಿಂದ ಅವರು ಕೇಳಿದ ಮಾತು ಅದು.