ನಾಲ್ಕನೇ ಸ್ಥಾನದಿಂದ ಓಡಿಹೋಗಬೇಡಿ

ಪೆರ್ಲದ ತಂಗಿಗೆ ನಮಸ್ಕಾರ.

ನಿಮ್ಮ ‘ಸೋತು ಗೆದ್ದವರು’ ಲೇಖನ ಓದಿದೆ. ಒಲಿಂಪಿಕ್ಸ್ ಪದಕದ ಆಸೆ ಈಡೇರದೆ ಉಳಿದ ಕ್ರೀಡಾಪಟುಗಳ ಬಗ್ಗೆ ಬಂದ ಐದು ಸಿನಿಮಾಗಳನ್ನು ಆರಿಸಿದ್ದೀರಿ: ‘ಭಾಗ್ ಮಿಲ್ಖಾ ಭಾಗ್’, ‘ದಂಗಲ್’, ‘ಮೈದಾನ್’, ‘ಕೂಲ್ ರನ್ನಿಂಗ್ಸ್’, ‘ಐ, ಟೋನ್ಯಾ’. ಒಂದೊಂದರ ಕಥೆ ಹೇಳಿ, ಪ್ರತಿ ಸಲವೂ ‘ಸೋಲೇ ಗೆಲುವಿನ ಮೆಟ್ಟಿಲು’ ಎಂದು ಮುಗಿಸಿದ್ದೀರಿ. ಜೊತೆಗಿಟ್ಟ ಪತ್ರದಲ್ಲಿ ‘ನನ್ನ ಹೆಸರು ಹಾಕಬೇಡಿ, ಸುಮ್ನೆ ಹೊಗಳುವುದೂ ಬೇಡ, ಇದ್ದದ್ದು ಇದ್ದ ಹಾಗೆ ಹೇಳಿ’ ಎಂದಿದ್ದೀರಿ. ಹಾಗಾದರೆ ಕೇಳಿ. ಈ ಲೇಖನವನ್ನು ಹೀಗೇ ಹಾಕಲು ಆಗುವುದಿಲ್ಲ.

ಮುಖ್ಯ ತೊಂದರೆ ಏನೆಂದರೆ, ಲೇಖನದ ಹೆಚ್ಚಿನ ಪಾಲು ಕಥಾಸಾರ. ‘ದಂಗಲ್’ ಕಥೆ ಗೊತ್ತಿಲ್ಲದವರು ನಮ್ಮ ಓದುಗರಲ್ಲಿ ಎಷ್ಟು ಮಂದಿ ಇದ್ದಾರು? ಕಥೆ ಹೇಳುವ ಭರದಲ್ಲಿ ಕಣ್ಣೆದುರೇ ಇದ್ದ ಒಂದು ವಿಷಯವನ್ನು ನೀವು ಬಿಟ್ಟುಬಿಟ್ಟಿದ್ದೀರಿ.

ನೀವು ಆರಿಸಿದ ಮೂರು ಹಿಂದಿ ಸಿನಿಮಾಗಳು ಎಲ್ಲಿ ಮುಗಿಯುತ್ತವೆ, ಒಮ್ಮೆ ನೋಡಿ. ‘ಮೈದಾನ್’ನಲ್ಲಿ ಕೋಚ್ ರಹೀಮ್ ಅವರ ಭಾರತ ಫುಟ್‌ಬಾಲ್ ತಂಡ 1956ರ ಮೆಲ್ಬರ್ನ್ ಒಲಿಂಪಿಕ್ಸ್‌ನಲ್ಲಿ ನಾಲ್ಕನೇ ಸ್ಥಾನಕ್ಕೆ ಬರುತ್ತದೆ. 1960ರ ರೋಮ್‌ನಲ್ಲಿ ಗುಂಪಿನ ಹಂತವನ್ನೂ ದಾಟುವುದಿಲ್ಲ. ಆದರೆ ಸಿನಿಮಾ ಮುಗಿಯುವುದು 1962ರ ಜಕಾರ್ತದಲ್ಲಿ, ಏಷ್ಯನ್ ಗೇಮ್ಸ್ ಚಿನ್ನದೊಂದಿಗೆ. ‘ದಂಗಲ್’ ಮುಗಿಯುವುದು 2010ರ ದೆಹಲಿ ಕಾಮನ್‌ವೆಲ್ತ್ ಕೂಟದಲ್ಲಿ. ಗೀತಾ ಫೋಗಟ್ 2012ರಲ್ಲಿ ಲಂಡನ್‌ಗೆ ಹೋದರು. ಒಲಿಂಪಿಕ್ಸ್‌ಗೆ ಅರ್ಹತೆ ಪಡೆದ ನಮ್ಮ ದೇಶದ ಮೊದಲ ಮಹಿಳಾ ಕುಸ್ತಿಪಟು ಅವರೇ. ಅಲ್ಲಿ ಮೊದಲ ಕುಸ್ತಿಯಲ್ಲೇ ಕೆನಡಾದ ಟೋನ್ಯಾ ವರ್ಬೀಕ್ ಎದುರು ಸೋತರು. ಕಂಚಿಗಾಗಿ ಮತ್ತೊಂದು ಅವಕಾಶ ಸಿಕ್ಕಿತು, ಅದರಲ್ಲೂ ಸೋತರು. ಸಿನಿಮಾ ಬಂದದ್ದು 2016ರಲ್ಲಿ. ಅಂದರೆ ಲಂಡನ್ ವಿಷಯ ಬರೆದವರಿಗೂ ಗೊತ್ತು, ನಿರ್ದೇಶಕರಿಗೂ ಗೊತ್ತು. ಅವರು ಎರಡು ವರ್ಷ ಮೊದಲೇ ಪರದೆ ಎಳೆದರು. ಅಷ್ಟೇ ಅಲ್ಲ, ನಿಜದಲ್ಲಿ ದೆಹಲಿಯ ಫೈನಲ್ ಏಕಪಕ್ಷೀಯವಾಗಿತ್ತು, ಗೀತಾ ಆರಾಮಾಗಿ ಗೆದ್ದರು. ಕೊನೇ ಕ್ಷಣದ ಆ ಹೋರಾಟ, ಅಪ್ಪನನ್ನು ಕೋಣೆಯಲ್ಲಿ ಕೂಡಿಹಾಕುವ ದೃಶ್ಯ, ಎರಡೂ ಕಲ್ಪನೆ. ಗೆಲುವಿಗೆ ಇಷ್ಟೆಲ್ಲ ಮಸಾಲೆ ಅರೆದವರಿಗೆ ಲಂಡನ್ ಸೋಲಿನ ಕಡೆ ತಿರುಗಿ ನೋಡುವ ಮನಸ್ಸಾಗಲಿಲ್ಲ. ನೀವೂ ಒಂದು ಸಾಲು ಬರೆದಿಲ್ಲ. ಒಲಿಂಪಿಕ್ಸ್ ಸೋಲಿನ ಸಿನಿಮಾಗಳ ಬಗ್ಗೆ ಬರೆಯುತ್ತಾ, ಗೀತಾ ಅವರ ಒಲಿಂಪಿಕ್ಸ್ ಸೋಲೇ ಲೇಖನದಲ್ಲಿ ಇಲ್ಲ!

ಇನ್ನು ಮಿಲ್ಖಾ ಸಿಂಗ್. ಇಲ್ಲಿ ನೀವು ಸ್ವಲ್ಪ ಜಾಸ್ತಿ ಹೊತ್ತು ನಿಲ್ಲಬೇಕಿತ್ತು. ಸಿನಿಮಾ 1960ರ ರೋಮ್ ಒಲಿಂಪಿಕ್ಸ್‌ನ 400 ಮೀಟರ್ ಓಟದಿಂದಲೇ ಶುರುವಾಗುತ್ತದೆ. ಮಿಲ್ಖಾ ಹಿಂದೆ ತಿರುಗುತ್ತಾರೆ, ನಾಲ್ಕನೆಯವರಾಗುತ್ತಾರೆ. ಆಮೇಲೆ ಅವರ ಬಾಲ್ಯ, ದೇಶ ವಿಭಜನೆ, ಸೈನ್ಯ ಎಲ್ಲ ಬಂದು, ಕೊನೆಗೆ ಲಾಹೋರ್‌ನಲ್ಲಿ ಪಾಕಿಸ್ತಾನದ ಓಟಗಾರ ಅಬ್ದುಲ್ ಖಾಲಿಕ್ ಅವರನ್ನು ಸೋಲಿಸುತ್ತಾರೆ. ‘ಫ್ಲೈಯಿಂಗ್ ಸಿಖ್’ ಎಂಬ ಬಿರುದು ಸಿಗುತ್ತದೆ. ನೋಡಿದವರಿಗೆ ರೋಮ್‌ನ ಗಾಯ ಲಾಹೋರ್‌ನಲ್ಲಿ ಮಾಯಿತು ಅನ್ನಿಸುತ್ತದೆ. ನೀವೂ ಹಾಗೇ ಬರೆದಿದ್ದೀರಿ. ಆದರೆ ಲಾಹೋರ್ ಓಟ ನಡೆದದ್ದು ರೋಮ್‌ಗಿಂತ ಮೊದಲು! ಮಿಲ್ಖಾ ರೋಮ್‌ಗೆ ಹೋದದ್ದೇ ಆ ಬಿರುದು ಹೊತ್ತುಕೊಂಡು. ನಿಜ ಜೀವನದಲ್ಲಿ ಮೊದಲು ಗೆಲುವು, ಆಮೇಲೆ ಸೋಲು. ಸಿನಿಮಾ ಅದನ್ನು ಉಲ್ಟಾ ಮಾಡಿತು. ಪ್ರೇಕ್ಷಕರನ್ನು ನಾಲ್ಕನೇ ಸ್ಥಾನದ ಜೊತೆ ಮನೆಗೆ ಕಳಿಸಲು ಧೈರ್ಯ ಸಾಲಲಿಲ್ಲ ಎಂದೇ ನಾನು ಅಂದುಕೊಳ್ಳುತ್ತೇನೆ. ನೀವು ಬೇರೆ ಕಾರಣ ಹುಡುಕಿ, ನನ್ನ ಮಾತು ತಪ್ಪೆಂದು ವಾದ ಮಾಡಿ, ಸಂತೋಷ. ಆದರೆ ಈ ತಾರೀಖಿನ ವಿಷಯ ಬಿಟ್ಟು ಈ ಸಿನಿಮಾದ ಬಗ್ಗೆ ಬರೆಯಬೇಡಿ.

ಇನ್ನೊಂದು ತಪ್ಪು. ‘ಹಿಂದೆ ತಿರುಗಿ ನೋಡದಿದ್ದರೆ ಮಿಲ್ಖಾಗೆ ಚಿನ್ನ ಖಚಿತವಾಗಿತ್ತು’ ಎಂದಿದ್ದೀರಿ. ಇಲ್ಲ. ಆ ದಿನ ಓಟಿಸ್ ಡೇವಿಸ್ ಮತ್ತು ಕಾರ್ಲ್ ಕೌಫ್‌ಮನ್ ಇಬ್ಬರೂ 44.9 ಸೆಕೆಂಡಿನಲ್ಲಿ ಓಡಿ ವಿಶ್ವದಾಖಲೆ ಮಾಡಿದರು. ದಕ್ಷಿಣ ಆಫ್ರಿಕಾದ ಮಾಲ್ಕಮ್ ಸ್ಪೆನ್ಸ್ 45.5, ಮಿಲ್ಖಾ 45.6. ಕೈತಪ್ಪಿದ್ದು ಕಂಚು. ಮಿಲ್ಖಾ ಓಡಿದ ಆ ವೇಗವೇ 1998ರವರೆಗೆ ಭಾರತದ ದಾಖಲೆಯಾಗಿ ಉಳಿಯಿತು. ಸೋತ ಓಟವೇ 38 ವರ್ಷ ನಮ್ಮ ದೇಶದ ಅತ್ಯುತ್ತಮ ಓಟ! ಇಂಥ ವಿಷಯ ಕೈಯಲ್ಲಿದ್ದರೆ ಮೆಟ್ಟಿಲಿನ ಗಾದೆ ಯಾಕೆ ಬೇಕು?

‘ಕೂಲ್ ರನ್ನಿಂಗ್ಸ್’ ಬಗ್ಗೆ ಹೆಚ್ಚು ಹೇಳಲಾರೆ. ನಗಿಸುವ ಸಿನಿಮಾ, ಅಷ್ಟೇ ಸಾಕು. ಜಮೈಕಾದ ಹುಡುಗರು ಬಿದ್ದ ಬಾಬ್‌ಸ್ಲೆಡ್ಡನ್ನು (ಮಂಜುಗಡ್ಡೆಯ ದಾರಿಯಲ್ಲಿ ಜಾರುವ ಬಂಡಿ) ಹೆಗಲ ಮೇಲೆ ಹೊತ್ತು ಗೆರೆ ದಾಟಿದರು ಎಂದು ನಡೆದ ಸಂಗತಿಯ ಹಾಗೆ ಬರೆದಿದ್ದೀರಿ. 1988ರ ಕ್ಯಾಲ್ಗರಿಯಲ್ಲಿ ಅವರು ಅದರ ಪಕ್ಕದಲ್ಲಿ ನಡೆದುಕೊಂಡು ಹೋದರು, ಹೊರಲಿಲ್ಲ. ತಿದ್ದಿಕೊಳ್ಳಿ.

‘ಐ, ಟೋನ್ಯಾ’ಗೆ ನೀವು ಕೊಟ್ಟದ್ದು ಒಂದೇ ಪ್ಯಾರಾ. ನನಗೆ ಬೇಸರವಾದದ್ದು ಇಲ್ಲೇ. ಯಾಕೆಂದರೆ ನಿಮ್ಮ ಐದರಲ್ಲಿ ಬೇರೆ ದಾರಿ ಹಿಡಿದ ಸಿನಿಮಾ ಇದೊಂದೇ. ಸ್ಕೇಟಿಂಗ್ ಪಟು ಟೋನ್ಯಾ ಹಾರ್ಡಿಂಗ್ 1992ರ ಒಲಿಂಪಿಕ್ಸ್‌ನಲ್ಲಿ ನಾಲ್ಕನೆಯವರು, 1994ರಲ್ಲಿ ಎಂಟನೆಯವರು. ಆಮೇಲೆ, ಪ್ರತಿಸ್ಪರ್ಧಿ ನ್ಯಾನ್ಸಿ ಕೆರಿಗನ್ ಮೇಲೆ ನಡೆದ ಹಲ್ಲೆಯ ಪ್ರಕರಣದಲ್ಲಿ, ಅಮೆರಿಕದ ಫಿಗರ್ ಸ್ಕೇಟಿಂಗ್ ಸಂಸ್ಥೆ ಅವರನ್ನು ಆಜೀವ ನಿಷೇಧಿಸಿತು. ಈ ಸಿನಿಮಾ ಅವರನ್ನು ದೇವತೆ ಮಾಡುವುದಿಲ್ಲ, ಸಮಾಧಾನಕ್ಕೆ ಬೇರೊಂದು ಕಪ್ಪನ್ನೂ ಕೈಗೆ ಕೊಡುವುದಿಲ್ಲ. ಒಬ್ಬೊಬ್ಬರು ಕ್ಯಾಮೆರಾ ಎದುರು ಕೂತು ಒಂದೊಂದು ಥರ ಹೇಳುತ್ತಾರೆ, ಯಾರನ್ನು ನಂಬಬೇಕೆಂದು ಗೊತ್ತಾಗುವುದಿಲ್ಲ. ನಿಮಗೆ ಇದು ‘ಸ್ಫೂರ್ತಿ ಕೊಡುವುದಿಲ್ಲ’ ಅನ್ನಿಸಿತಂತೆ. ಸ್ಫೂರ್ತಿ ಕೊಡಲೇಬೇಕೆಂದು ಯಾರು ಹೇಳಿದರು?

ಇದಕ್ಕೆ ಜೊತೆಯಾಗಿ ಜಪಾನಿನ ನಿರ್ದೇಶಕ ಕೊನ್ ಇಚಿಕಾವಾ ಅವರ ‘ಟೋಕಿಯೋ ಒಲಿಂಪಿಯಾಡ್’ ಸಾಕ್ಷ್ಯಚಿತ್ರ ನೋಡಿ. 1964ರ ಕೂಟದ್ದು, ಸುಮಾರು ಮೂರು ಗಂಟೆ ಇದೆ, ಒಂದೇ ಸಲ ನೋಡಬೇಕೆಂದಿಲ್ಲ. ಅದರಲ್ಲಿ ಆಫ್ರಿಕಾದ ಚಾಡ್ ದೇಶದಿಂದ ಬಂದ ಅಹ್ಮದ್ ಇಸ್ಸಾ ಎಂಬ 800 ಮೀಟರ್ ಓಟಗಾರ ಬರುತ್ತಾನೆ. ಅವನ ದೇಶ ಸ್ವತಂತ್ರವಾಗಿ ಆಗ ನಾಲ್ಕೇ ವರ್ಷ. ಊಟದ ಮನೆಯಲ್ಲಿ ಒಬ್ಬನೇ ಕೂತು ಉಣ್ಣುತ್ತಾನೆ. ಸೆಮಿಫೈನಲ್‌ನಲ್ಲಿ ಹೊರಬೀಳುತ್ತಾನೆ. ಅಷ್ಟು ಜನ ಗೆದ್ದವರಿರುವಾಗ ಇಚಿಕಾವಾ ಅವನ ಹಿಂದೆ ಹೋದದ್ದು ನೋಡಿ.

ನಮ್ಮ ಜನಕ್ಕೆ ಸೋಲು ನೋಡಲು ಆಗುವುದಿಲ್ಲ, ಅದಕ್ಕೇ ಸಿನಿಮಾದವರು ಹೀಗೆ ಮಾಡುತ್ತಾರೆ ಎಂದು ನೀವು ಹೇಳಬಹುದು. ನಾನು ಒಪ್ಪುವುದಿಲ್ಲ. ಕುಂಬಳೆ ಸೀಮೆಯಲ್ಲಿ ಕೂತು ಈ ಮಾತು ಹೇಳಬಾರದು. ಕರ್ಣಪರ್ವದ ಯಕ್ಷಗಾನ ಆಟಕ್ಕೆ ಹೋಗುವವರಿಗೆ ಕರ್ಣ ಬೀಳುತ್ತಾನೆಂದು ಗೊತ್ತಿರುವುದಿಲ್ಲವಾ? ಗೊತ್ತಿದ್ದೇ ಬೆಳಗಿನವರೆಗೆ ಕೂರುತ್ತಾರೆ. ತಾಳಮದ್ದಳೆಯಲ್ಲಿ ಒಳ್ಳೆಯ ಅರ್ಥಧಾರಿಗಳು ಕರ್ಣನ ಪಾತ್ರ ಬಯಸಿ ಕೇಳುತ್ತಾರೆ. ಕರ್ಣನಿಗೆ ಬೇರೆ ಕಡೆ ಒಂದು ಯುದ್ಧ ಗೆಲ್ಲಿಸಿ ಮಂಗಳ ಹಾಡಿ ಎಂದು ಭಾಗವತರ ಹತ್ತಿರ ಯಾರೂ ಹೇಳಿದ್ದಿಲ್ಲ.

ಈಗ ದೊಡ್ಡ ದೂರು. ನಾಲ್ಕನೇ ಸ್ಥಾನದ ಬಗ್ಗೆ ಕಾಸರಗೋಡಿನಿಂದ ಬರೆಯುತ್ತೀರಿ, ಪಿ.ಟಿ. ಉಷಾ ಹೆಸರೇ ಇಲ್ಲ! ಕೋಝಿಕ್ಕೋಡ್ ಕಡೆಗೆ ರೈಲಿನಲ್ಲಿ ಹೋದರೆ ವಡಗರ ಕಳೆದು ಪಯ್ಯೋಳಿ, ಉಷಾ ಅವರ ಊರು. ನಮಗೆ ಇಷ್ಟು ಹತ್ತಿರ. ಲೇಖನ ಓದಿದರೆ ಬೆಂಗಳೂರಿನ ಯಾವುದೋ ಪತ್ರಿಕೆಗಾಗಿ ಬರೆದ ಹಾಗಿದೆ. ಮಲಯಾಳಂ ವಿಷಯ ತಂದರೆ ಕನ್ನಡದ ಓದುಗರಿಗೆ ಬೇಡ ಅನ್ನಿಸೀತು ಎಂದು ಹೆದರಿದಿರಾ? ನಾವು ಮೂರು ನಾಲ್ಕು ಭಾಷೆಯ ಸಿನಿಮಾ ನೋಡುವವರು. ಅದು ನಮ್ಮ ಲಾಭ. 2019ರ ಮಲಯಾಳಂ ‘ಫೈನಲ್ಸ್’ ನೋಡಿ. ರಜಿಷಾ ವಿಜಯನ್ ಅದರಲ್ಲಿ ಒಲಿಂಪಿಕ್ಸ್‌ಗೆ ತಯಾರಾಗುವ ಸೈಕಲ್ ಓಟಗಾರ್ತಿ, ಸುರಾಜ್ ವೆಂಞಾರಮೂಡ್ ಅಪ್ಪ. ತರಬೇತಿಯ ಹೊತ್ತಿನಲ್ಲೇ ಅಪಘಾತ. ಮುಂದಿನದ್ದನ್ನು ನಾನು ಹೇಳುವುದಿಲ್ಲ. ಅದು ಎಲ್ಲಿ ಮುಗಿಯುತ್ತದೆ ಎಂಬುದನ್ನು ನೀವೇ ನೋಡಿ ಬರೆಯಿರಿ.

ಉಷಾ ಅವರ ಓಟಕ್ಕೆ ಬನ್ನಿ. 1984, ಲಾಸ್ ಏಂಜಲೀಸ್. ಮಹಿಳೆಯರ 400 ಮೀಟರ್ ಹರ್ಡಲ್ಸ್ ಒಲಿಂಪಿಕ್ಸ್‌ಗೆ ಬಂದದ್ದೇ ಆ ವರ್ಷ. ಸೆಮಿಫೈನಲ್‌ನಲ್ಲಿ ಉಷಾ ಮೊದಲಿಗರು, 55.54 ಸೆಕೆಂಡು. ಫೈನಲ್‌ನಲ್ಲಿ ಅವರಿಗೆ ಒಳ್ಳೆಯ ಆರಂಭ ಸಿಕ್ಕಿತು, ಆದರೆ ಆಸ್ಟ್ರೇಲಿಯಾದ ಓಟಗಾರ್ತಿಯ ತಪ್ಪು ಆರಂಭದಿಂದ ಎಲ್ಲರನ್ನೂ ವಾಪಸ್ ಕರೆದರು. ಎರಡನೇ ಸಲ ಆ ಆರಂಭ ಸಿಗಲಿಲ್ಲ. ಮೊರಾಕೊದ ನವಾಲ್ ಎಲ್ ಮೌತವಕಿಲ್ ಗೆದ್ದರು. ಕಂಚು ರೊಮೇನಿಯಾದ ಕೊಜೊಕಾರು ಅವರಿಗೆ, 55.41. ಉಷಾ 55.42. ಗೆರೆ ದಾಟಿದ್ದು ಎದೆಯ ಲೆಕ್ಕ, ಕಾಲಿನದಲ್ಲ. ಅಲ್ಲಿಯ ಊಟ ಹಿಡಿಸದೆ ಗಂಜಿ, ಉಪ್ಪಿನಕಾಯಿ ತಿಂದುಕೊಂಡು ಓಡಿದೆ, ಕೊನೆಯ 35 ಮೀಟರ್‌ಗೆ ಶಕ್ತಿ ಉಳಿಯಲಿಲ್ಲ ಎಂದು ಉಷಾ ಆಮೇಲೆ ಹೇಳಿಕೊಂಡಿದ್ದಾರೆ. ಗಂಜಿ, ಉಪ್ಪಿನಕಾಯಿ! ನಮ್ಮ ಓದುಗರಿಗೆ ಇದನ್ನು ಬಿಡಿಸಿ ಹೇಳಬೇಕಾ?

ನಾಳೆ ಯಾರಾದರೂ ಇವರ ಮೇಲೆ ದೊಡ್ಡ ಸಿನಿಮಾ ಮಾಡಿದರೆ ಅದು ಎಲ್ಲಿ ಮುಗಿಯುತ್ತದೆ, ಊಹಿಸಿ. 1986ರ ಸಿಯೋಲ್ ಏಷ್ಯನ್ ಗೇಮ್ಸ್‌ನಲ್ಲಿ ಉಷಾಗೆ ನಾಲ್ಕು ಚಿನ್ನ. ಸಿನಿಮಾದವರು ಅಲ್ಲಿಗೇ ಓಡುತ್ತಾರೆ ಎಂದು ನಾನು ಪಂಥ ಕಟ್ಟುತ್ತೇನೆ. ಆ ನಾಲ್ಕು ಚಿನ್ನ ಸಣ್ಣದೇನಲ್ಲ. ಆದರೆ ಕೇರಳದ ಮನೆಮನೆಯಲ್ಲಿ ಇವತ್ತಿಗೂ ಮಾತಾಡುವುದು ಆ ಒಂದರ ನೂರನೇ ಭಾಗದ ಸೆಕೆಂಡಿನ ಬಗ್ಗೆ.

ಮೊದಲ ಪುಟದಲ್ಲಿ ನೀವು ಉಪಜಿಲ್ಲಾ ಕ್ರೀಡಾಕೂಟದಲ್ಲಿ ಹರ್ಡಲ್ಸ್ ಓಡಿದ್ದು, ಬಿದ್ದದ್ದು, ಪಿ.ಟಿ. ಮಾಸ್ಟ್ರು ಬೆನ್ನು ತಟ್ಟಿದ್ದು ಬರೆದಿದ್ದೀರಿ. ಅದನ್ನು ಪೂರ್ತಿ ತೆಗೆಯಿರಿ. ಕಣ್ಣೀರು ತರಿಸಲು ಇಟ್ಟದ್ದೆಂದು ದೂರದಿಂದಲೇ ಗೊತ್ತಾಗುತ್ತದೆ. ಆದರೆ ಹರ್ಡಲ್ಸ್ ಓಡಿದವರಿಗೆ ಬೇರೊಂದು ವಿಷಯ ಗೊತ್ತಿರುತ್ತದೆ. ಒಮ್ಮೆ ಚೆನ್ನಾಗಿ ನೆಗೆದು ಹೊರಟವರನ್ನು ವಾಪಸ್ ಕರೆದರೆ ಕಾಲಿಗೆ, ಉಸಿರಿಗೆ ಏನಾಗುತ್ತದೆ? ಮೊದಲ ಹರ್ಡಲ್‌ಗೆ ಹೆಜ್ಜೆ ಲೆಕ್ಕ ತಪ್ಪಿದರೆ ಮುಂದಿನ ಒಂಬತ್ತರ ಗತಿ ಏನು? ನಾನು ಓಡಿದವನಲ್ಲ, ನನಗೆ ಗೊತ್ತಿಲ್ಲ. ಅದನ್ನು ಉಷಾ ಅವರ ಓಟದ ಜೊತೆ ಸೇರಿಸಿ, ಐದಾರು ಸಾಲು ಸಾಕು.

ಭಾಷೆಯ ಬಗ್ಗೆ ಎರಡು ಮಾತು. ‘ಅಪ್ರತಿಮ ಛಲದ ಅನಭಿಷಿಕ್ತ ಸಾಮ್ರಾಟ’ ಇತ್ಯಾದಿ ತೆಗೆಯಿರಿ. ನಿಮ್ಮ ಪತ್ರದ ಕನ್ನಡ ಲೇಖನದ ಕನ್ನಡಕ್ಕಿಂತ ಎಷ್ಟೋ ಚೆನ್ನಾಗಿದೆ. ಲೇಖನವೂ ಅದೇ ಕನ್ನಡದಲ್ಲಿ ಬರಲಿ.

ತಿದ್ದಿದ್ದನ್ನು ಕಳಿಸುವಾಗ ಸಾವಿರದ ಇನ್ನೂರು ಪದ ಮೀರಬೇಡಿ, ನಮ್ಮಲ್ಲಿ ಅದಕ್ಕಿಂತ ಜಾಸ್ತಿ ಜಾಗ ಇಲ್ಲ. ಲಾಹೋರ್ ಮತ್ತು ರೋಮ್ ತಾರೀಖಿನಿಂದಲೇ ಶುರು ಮಾಡಬಹುದು. ‘ಕೂಲ್ ರನ್ನಿಂಗ್ಸ್’ ಬಿಟ್ಟರೂ ನಷ್ಟವಿಲ್ಲ. ಪೋಸ್ಟರ್‌ಗಳನ್ನು ಕಳಿಸಬೇಡಿ, ಅವನ್ನು ಅಚ್ಚು ಹಾಕುವ ಹಕ್ಕು ನಮಗಿಲ್ಲ. ಮತ್ತೆ, ಮೊಬೈಲ್‌ನಲ್ಲಿ ಪುಟದ ಫೋಟೋ ತೆಗೆದು ಕಳಿಸಿದರೆ ನನ್ನ ಕಣ್ಣಿಗೆ ಕಷ್ಟ. ಟೈಪ್ ಮಾಡಿಯೇ ಕಳಿಸಿ.