ಹಳೆಯ ಹಾಡು, ಸಣ್ಣ ಮಾಡಿದ ಕಥೆ

ಪ್ರಶ್ನೆ: ದೊಡ್ಡವರಿಗೆ ಇಂಗ್ಲಿಷ್ ಹೇಳಿಕೊಡುತ್ತೇನೆ. ಹಳೆಯ ಕ್ರೈಸ್ತ ಭಕ್ತಿಗೀತೆಗಳು ಪಾಠಕ್ಕೆ ಆಗುತ್ತವೆಯೇ? ಹೆಸರಾಂತ ಕಥೆಗಳನ್ನು ಸರಳ ಮಾಡಿ ಓದಿಸಿದರೆ ಮೂಲಕ್ಕೆ ಮೋಸ ಮಾಡಿದಂತಲ್ಲವೇ?

ಉತ್ತರ: ಹಾಡು ಖಂಡಿತ ಆಗುತ್ತದೆ. ಮೊದಲು ಕಿವಿಗೆ, ಅರ್ಥ ಆಮೇಲೆ. ಜಾನ್ ನ್ಯೂಟನ್ ಬರೆದ ‘ಅಮೇಜಿಂಗ್ ಗ್ರೇಸ್’ ಅಚ್ಚಾಗಿದ್ದು 1779ರಲ್ಲಿ. ಅದರ ಒಂದೊಂದು ಚರಣದ ನಾಲ್ಕು ಸಾಲುಗಳಲ್ಲಿ 8, 6, 8, 6 ಎಂದು ಉಚ್ಚಾರದ ತುಂಡುಗಳು ಬರುತ್ತವೆ. ನಾನು ಹಾಡಿ ತೋರಿಸುವುದಿಲ್ಲ (ನನ್ನ ಗಂಟಲು ಕೇಳಿದರೆ ತರಗತಿ ಖಾಲಿಯಾದೀತು). ಸುಮ್ನೆ ಮೇಜು ತಟ್ಟುತ್ತಾ ಓದಿಸುತ್ತೇನೆ. ಎಲ್ಲಿ ಒತ್ತು, ಎಲ್ಲಿ ಸ್ವರ ನುಂಗಿಹೋಗುತ್ತದೆ ಎನ್ನುವುದು ಕೈಗೇ ಗೊತ್ತಾಗುತ್ತದೆ. ನಮಗೆ ಎಲ್ಲ ಅಕ್ಷರವನ್ನೂ ಸಮನಾಗಿ ಹೇಳುವ ಅಭ್ಯಾಸ, ಅಲ್ವಾ?

ಕೆಲವು ಗೀತೆಗಳಲ್ಲಿ ‘ದೌ’, ‘ದೀ’ ಬರುತ್ತವೆ. ‘ನೀನು’, ‘ನಿನ್ನನ್ನು’ ಎಂದರೆ ಮುಗಿಯಿತು. ಆದರೆ ಇವತ್ತು ಹಾಗೆ ಮಾತಾಡುವುದಿಲ್ಲ ಎಂದೂ ಹೇಳಿಬಿಡಿ. ನನ್ನ ವಿದ್ಯಾರ್ಥಿಯೊಬ್ಬರು ರಜೆ ಅರ್ಜಿಯಲ್ಲೇ ‘ದೌ’ ಬರೆದಿದ್ದರು! ಬೇರೆ ನಂಬಿಕೆಯವರಿಗೆ ಹಾಡಲು ಒತ್ತಾಯ ಬೇಡ.

ಕಥೆಯಲ್ಲಿ ಮೋಸವೇನೂ ಇಲ್ಲ. ಮೇರಿ ಮತ್ತು ಚಾರ್ಲ್ಸ್ ಲ್ಯಾಂಬ್, ಅಕ್ಕ ತಮ್ಮ, 1807ರಲ್ಲೇ ಶೇಕ್ಸ್‌ಪಿಯರ್ ನಾಟಕಗಳನ್ನು ಮಕ್ಕಳಿಗಾಗಿ ಕಥೆ ಮಾಡಿದ್ದರು. ಹಾಗಂತ ಆ ಪುಸ್ತಕವನ್ನೇ ಕೊಡಬೇಡಿ, ಅದರ ವಾಕ್ಯಗಳು ಉದ್ದುದ್ದ. ಕಲಿಯುವವರ ಮಟ್ಟಕ್ಕೆ ತಕ್ಕಂತೆ ಹಂತ ಹಾಕಿರುವ ಈಗಿನ ಪುಸ್ತಕ ಆರಿಸಿ. ಪುಟಕ್ಕೆ ಐದಾರಕ್ಕಿಂತ ಜಾಸ್ತಿ ಹೊಸ ಪದ ಕಂಡರೆ ಒಂದು ಹಂತ ಇಳಿಯಿರಿ. ಕಥೆ ಮುಗಿದ ಮೇಲೆ ಮೂಲದ ಒಂದೇ ಒಂದು ಪ್ಯಾರಾ ಓದಿ ಹೇಳಿ. ಕಥೆ ಗೊತ್ತಿರುವುದರಿಂದ ಯಾರೂ ಹೆದರುವುದಿಲ್ಲ.