ಸಂಪಾದಕರ ಉತ್ತರ: ಅಡಿಕೆ ತೋಟ ಮತ್ತು ಬಿಗಿಯುವ ಬಾಯಿ

ಶಿರಸಿ ತಾಲ್ಲೂಕಿನ ಅಡಿಕೆ ಬೆಳೆಗಾರರೊಬ್ಬರು ಉದ್ದನೆಯ ಪತ್ರ ಬರೆದಿದ್ದಾರೆ. ಹೆಸರು ಹಾಕಬೇಡಿ ಎಂದಿದ್ದಾರೆ, ಹಾಕುವುದಿಲ್ಲ. ಕಳೆದ ಸಂಚಿಕೆಯ ಬಾಯಿ ಕ್ಯಾನ್ಸರ್ ಲೇಖನದಲ್ಲಿ ಅಡಿಕೆಯ ಹೆಸರು ಬಂದದ್ದು ಅವರಿಗೆ ನೋವು ತಂದಿದೆ. ಅವರ ಮಾತು ಚಿಕ್ಕದಾಗಿ ಹೀಗಿದೆ: "ಕ್ಯಾನ್ಸರ್ ಬರುವುದು ಹೊಗೆಸೊಪ್ಪಿನಿಂದ, ಗುಟ್ಕಾದಿಂದ. ನಮ್ಮ ಅಜ್ಜಿ ತೊಂಬತ್ತು ದಾಟುವವರೆಗೂ ಕವಳ (ಎಲೆಯಡಿಕೆ) ಹಾಕಿದರು, ಏನೂ ಆಗಲಿಲ್ಲ. ಅಡಿಕೆಗೆ ಔಷಧ ಗುಣ ಇದೆ. ನೀವು ಹೀಗೆಲ್ಲ ಬರೆದರೆ ದರ ಬೀಳುತ್ತದೆ. ನಮ್ಮ ಅನ್ನಕ್ಕೆ ನೀವೇ ಕಲ್ಲು ಹಾಕಿದಂತೆ." ಪತ್ರದ ತುದಿಯಲ್ಲಿ ಇನ್ನೆರಡು ಸಾಲು ಇವೆ. ಅವರ ಹೆಂಡತಿಗೆ ಕೆಲವು ತಿಂಗಳಿಂದ ಖಾರ ತಿಂದರೆ ಬಾಯಿ ಉರಿಯುತ್ತದಂತೆ. ಬಾಯಿ ಮೊದಲಿನಷ್ಟು ಅಗಲ ತೆರೆಯುವುದಿಲ್ಲವಂತೆ. "ಅವಳು ಹೊಗೆಸೊಪ್ಪು ಮುಟ್ಟಿದವಳಲ್ಲ. ಅಡಿಕೆಯ ಕೊನೆಕೊಯ್ಲು ಮುಗಿದ ಮೇಲೆ ತೋರಿಸೋಣ ಎಂದುಕೊಂಡಿದ್ದೇವೆ. ಅಲ್ಲಿಯವರೆಗೆ ಸುಣ್ಣ ಕಡಿಮೆ ಮಾಡಿದರೆ ಸರಿಹೋದೀತೇ?"

ಪ್ರಿಯ ಓದುಗರೇ,

ನಿಮ್ಮ ಸಿಟ್ಟಿಗೆ ಆಮೇಲೆ ಬರುತ್ತೇನೆ. ಮೊದಲು ಆ ಕೊನೆಯ ಎರಡು ಸಾಲು.

ಸುಣ್ಣ ಕಡಿಮೆ ಮಾಡಿದರೆ ಸರಿಹೋಗುವುದಿಲ್ಲ. ಕವಳವನ್ನೇ ಇವತ್ತಿಗೆ ನಿಲ್ಲಿಸಬೇಕು. ಕೊಯ್ಲು ಮುಗಿಯಲಿ ಎಂದು ಕಾಯಬೇಡಿ. ಮರ ಹತ್ತಿ ಅಡಿಕೆ ಕೊನೆ ಇಳಿಸುವ ಕೊನೆಗೌಡ ಸಿಕ್ಕ ದಿನವನ್ನು ಬಿಡುವುದು ಎಷ್ಟು ಕಷ್ಟ ಎಂಬುದು ನಮ್ಮ ಕಡೆಯವರಿಗೆಲ್ಲ ಗೊತ್ತು. ಆದರೂ ಒಂದು ದಿನ ಬಿಡುವು ಮಾಡಿಕೊಂಡು ಈ ವಾರವೇ ದಂತವೈದ್ಯರಿಗೋ, ಕಿವಿ ಮೂಗು ಗಂಟಲಿನ ವೈದ್ಯರಿಗೋ ತೋರಿಸಿ. ನಾನು ವೈದ್ಯನಲ್ಲ, ಪತ್ರ ಓದಿ ಕಾಯಿಲೆ ಹೇಳುವುದು ಸರಿಯೂ ಅಲ್ಲ. ಆದರೆ ಖಾರಕ್ಕೆ ಉರಿ, ಬಾಯಿ ತೆರೆಯಲು ಬಿಗಿತ, ಜೊತೆಗೆ ಕವಳದ ಅಭ್ಯಾಸ, ಈ ಮೂರೂ ಕೂಡಿದಾಗ ವೈದ್ಯರು ಮೊದಲು ಅನುಮಾನಿಸುವುದು ಸಬ್‌ಮ್ಯೂಕಸ್ ಫೈಬ್ರೋಸಿಸ್, ಅಂದರೆ ಬಾಯಿಯ ಒಳಪದರದ ಕೆಳಗೆ ನಾರು ಬೆಳೆದು ಬಿಗಿಯುವ ಕಾಯಿಲೆಯನ್ನು.

ಹೋಗುವ ಮೊದಲು ಮನೆಯಲ್ಲೇ ಒಂದಿಷ್ಟು ನೋಡಬಹುದು. ಅವರು ತಮ್ಮದೇ ಕೈಯ ಮೂರು ಬೆರಳನ್ನು ನೆಟ್ಟಗೆ ಜೋಡಿಸಿ ಮೇಲಿನ ಮತ್ತು ಕೆಳಗಿನ ಮುಂಹಲ್ಲುಗಳ ನಡುವೆ ಇಡಲಿ. ಸಾಮಾನ್ಯವಾಗಿ ಮೂರು ಬೆರಳು ಹಿಡಿಸುತ್ತವೆ. ಕೆನ್ನೆ ಉಬ್ಬಿಸಿ ಗಾಳಿ ತುಂಬಲು ಆಗುತ್ತದೆಯೇ? ನಾಲಿಗೆ ಮೊದಲಿನಷ್ಟು ಹೊರಗೆ ಬರುತ್ತದೆಯೇ? ಟಾರ್ಚ್ ಹಿಡಿದು ಕೆನ್ನೆಯ ಒಳಭಾಗ ನೋಡಿ. ಕೆಂಪು ಹೋಗಿ ಬಿಳಿಚಿಕೊಂಡಿದ್ದರೆ, ಬೆರಳಿಗೆ ದಾರದಂಥ ಪಟ್ಟಿ ಸಿಕ್ಕಿದರೆ, ವೈದ್ಯರಿಗೆ ಹೇಳಿ. ವಾಸಿಯಾಗದ ಹುಣ್ಣು ಅಥವಾ ಉಜ್ಜಿದರೂ ಹೋಗದ ಬಿಳಿ, ಕೆಂಪು ಮಚ್ಚೆ ಕಂಡರೆ ಒಂದು ದಿನವೂ ತಡ ಮಾಡಬೇಡಿ.

ಬಾಯಿ ಯಾಕೆ ಬಿಗಿಯುತ್ತದೆ ಎಂಬುದನ್ನು ಸ್ವಲ್ಪ ವಿವರವಾಗಿ ಹೇಳುತ್ತೇನೆ. ಯಾಕೆಂದರೆ ಒಳಗೆ ಏನಾಗುತ್ತಿದೆ ಎಂದು ಗೊತ್ತಾದರೆ "ಸ್ವಲ್ಪ ಕಡಿಮೆ ಮಾಡಿದರೆ ಸಾಕಲ್ವಾ" ಎಂಬ ಪ್ರಶ್ನೆ ಏಳುವುದೇ ಇಲ್ಲ. ಕೆನ್ನೆಯ ಒಳಪದರದ ಕೆಳಗೆ ಫೈಬ್ರೋಬ್ಲಾಸ್ಟ್ ಎಂಬ ಜೀವಕೋಶಗಳಿವೆ. ಕೊಲಾಜನ್ ಎಂಬ ನಾರನ್ನು ತಯಾರಿಸುವುದು ಅವುಗಳ ಕೆಲಸ. ಹಳೆಯ ನಾರು ಕರಗುತ್ತಿರಬೇಕು, ಹೊಸದು ಹುಟ್ಟುತ್ತಿರಬೇಕು. ಆಗ ಕೆನ್ನೆ ಮೆತ್ತಗಿರುತ್ತದೆ. ಅಡಿಕೆ ಈ ಎರಡೂ ಕೆಲಸಗಳಲ್ಲಿ ಕೈ ಹಾಕುತ್ತದೆ. ಅಡಿಕೆಯ ಮುಖ್ಯ ರಾಸಾಯನಿಕ ಅರೆಕೋಲಿನ್. ಅದು ಟಿಜಿಎಫ್-ಬೀಟಾ ಎಂಬ ಸಂಕೇತವನ್ನು ಹೆಚ್ಚಿಸಿ ನಾರಿನ ತಯಾರಿಕೆಗೆ ಒತ್ತು ಕೊಡುತ್ತದೆ. ಅಡಿಕೆಗೆ ಒಗರು ಕೊಡುವ ಟ್ಯಾನಿನ್, ಕ್ಯಾಟೆಚಿನ್‌ಗಳು ಇನ್ನೊಂದು ಕೆಲಸ ಮಾಡುತ್ತವೆ. ಹಳೆಯ ನಾರನ್ನು ಕರಗಿಸುವ ಕಿಣ್ವಕ್ಕೆ ಅವು ಅಡ್ಡ ನಿಲ್ಲುತ್ತವೆ. ಮೂರನೆಯದು ಅಡಿಕೆಯಲ್ಲಿರುವ ತಾಮ್ರ. ಲೈಸಿಲ್ ಆಕ್ಸಿಡೇಸ್ ಎಂಬ ಕಿಣ್ವ ತಾಮ್ರದ ಬಲದಿಂದ ನಾರುಗಳನ್ನು ಒಂದಕ್ಕೊಂದು ಬೆಸೆಯುತ್ತದೆ. ಬಿಡಿ ಎಳೆಗಳನ್ನು ಹೊಸೆದು ಹಗ್ಗ ಮಾಡಿದ ಹಾಗೆ. ಹಾಗೆ ಬೆಸೆದ ನಾರನ್ನು ದೇಹ ತಾನಾಗಿ ಬಿಡಿಸಲಾರದು. ನಡುವೆ ರಕ್ತನಾಳಗಳು ಕಿರಿದಾಗುತ್ತವೆ, ಕೆನ್ನೆ ಬಿಳಿಚಿಕೊಳ್ಳುತ್ತದೆ, ಮೇಲಿನ ಪದರ ತೆಳುವಾಗಿ ಖಾರ ತಾಗಿದರೆ ಉರಿಯುತ್ತದೆ.

ಸುಣ್ಣಕ್ಕೂ ಇದರಲ್ಲಿ ಪಾಲಿದೆ. ಆದರೆ ಸುಣ್ಣವಿಲ್ಲದೆ ಬರೀ ಅಡಿಕೆ ಅಗಿಯುವವರಲ್ಲೂ ಈ ಕಾಯಿಲೆ ಬಂದಿದೆ. ಹಾಗಾಗಿ ಸುಣ್ಣ ಬಿಟ್ಟರೆ ಸಾಲದು. ಇನ್ನು ಬೇಯಿಸಿದ ಕೆಂಪಡಿಕೆ ಸುರಕ್ಷಿತ ಎಂದು ನಮ್ಮಲ್ಲಿ ಹೇಳುವುದುಂಟು. ಬೇಯಿಸುವಾಗ ಅರೆಕೋಲಿನ್ ಸ್ವಲ್ಪ ಕಡಿಮೆಯಾಗುವುದು ನಿಜ. ಪೂರ್ತಿ ಹೋಗುವುದಿಲ್ಲ.

ಈಗ ಹೊಗೆಸೊಪ್ಪಿನ ವಾದ. ನೀವು ಹೇಳಿದ್ದರಲ್ಲಿ ಅರ್ಧ ಸತ್ಯ ಇದೆ, ಮತ್ತು ಅದು ದೊಡ್ಡ ಅರ್ಧ. 1985ರಲ್ಲಿ ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ಸಂಸ್ಥೆ ದೂರಿದ್ದು ಹೊಗೆಸೊಪ್ಪು ಸೇರಿದ ಕವಳವನ್ನು ಮಾತ್ರ. ಬರೀ ಅಡಿಕೆಯ ಬಗ್ಗೆ ಆಗ ಸಾಕಷ್ಟು ಪುರಾವೆ ಇರಲಿಲ್ಲ. ಆಮೇಲೆ ತೈವಾನಿನಿಂದ ಅಧ್ಯಯನಗಳು ಬಂದವು. ಅಲ್ಲಿ ಎಳೆಯ ಅಡಿಕೆಯನ್ನು ಸುಣ್ಣದ ಜೊತೆ ಅಗಿಯುತ್ತಾರೆ, ಹೊಗೆಸೊಪ್ಪು ಸೇರಿಸುವುದಿಲ್ಲ. ಆದರೂ ಬಾಯಿ ಕ್ಯಾನ್ಸರ್ ಜಾಸ್ತಿ. ಪಪುವಾ ನ್ಯೂಗಿನಿಯಲ್ಲೂ ಹಾಗೇ. ಅದನ್ನೆಲ್ಲ ನೋಡಿ ಅದೇ ಸಂಸ್ಥೆ 2004ರಲ್ಲಿ ಪ್ರಕಟಿಸಿದ ವರದಿಯಲ್ಲಿ ಅಡಿಕೆಯನ್ನೂ ಮೊದಲ ಗುಂಪಿಗೆ ಸೇರಿಸಿತು. ಅಂದರೆ ಮನುಷ್ಯರಲ್ಲಿ ಕ್ಯಾನ್ಸರ್ ತರುತ್ತದೆ ಎಂದು ಖಚಿತವಾದವುಗಳ ಗುಂಪು. ಒಂದು ಮಾತು ಬೆಳೆಗಾರರ ಪರವಾಗಿಯೂ ಹೇಳಬೇಕು. ಅರೆಕೋಲಿನ್ ಒಂದನ್ನೇ ಬೇರೆ ಮಾಡಿ ನೋಡಿದಾಗ, 2021ರ ವರದಿ ಅದನ್ನು "ಬಹುಶಃ ತರಬಹುದು" ಎಂಬ ಕೆಳಗಿನ ಗುಂಪಿನಲ್ಲಿಟ್ಟಿದೆ. ಕೆಲವರು ಇದನ್ನೇ ಹಿಡಿದು ಅಡಿಕೆ ಗೆದ್ದಿತು ಎನ್ನುತ್ತಾರೆ. ಇಡೀ ಅಡಿಕೆಯ ಬಗ್ಗೆ ತೀರ್ಪು ಬದಲಾಗಿಲ್ಲ.

ನಿಮ್ಮ ಮನೆಯ ಸಂಗತಿಗೆ ಹತ್ತಿರವಾದ ಒಂದು ಲೆಕ್ಕ 2024ರಲ್ಲಿ ಲ್ಯಾನ್ಸೆಟ್ ಆಂಕಾಲಜಿ ಪತ್ರಿಕೆಯಲ್ಲಿ ಬಂತು. ಹೊಗೆರಹಿತ ತಂಬಾಕು ಮತ್ತು ಅಡಿಕೆಯಿಂದ 2022ರಲ್ಲಿ ಜಗತ್ತಿನಲ್ಲಿ ಸುಮಾರು 1,20,200 ಮಂದಿಗೆ ಬಾಯಿ ಕ್ಯಾನ್ಸರ್ ಬಂತು ಎಂದು ಅಂದಾಜು. ಅದರಲ್ಲಿ ಭಾರತದ ಪಾಲು 83,400. ಇದರಲ್ಲಿ ಗಂಡಸರ ಪಟ್ಟಿ ನೋಡಿದರೆ ನಿಮ್ಮ ಮಾತೇ ಸರಿ ಎನಿಸುತ್ತದೆ. ಖೈನಿ (ಸುಣ್ಣ ಬೆರೆಸಿದ ಹೊಗೆಸೊಪ್ಪು) ಮತ್ತು ಗುಟ್ಕಾ ಸೇರಿ ನೂರಕ್ಕೆ 90, ಬರೀ ಅಡಿಕೆ 4 ಮಾತ್ರ. ಹೆಂಗಸರ ಪಟ್ಟಿಯಲ್ಲಿ ಮೊದಲ ಸ್ಥಾನದಲ್ಲಿರುವುದೇ ಅಡಿಕೆ, ನೂರಕ್ಕೆ 30. ನಮ್ಮ ಊರುಗಳಲ್ಲಿ "ಅಡಿಕೆಯಿಂದ ಏನೂ ಆಗುವುದಿಲ್ಲ" ಎಂದು ಸಭೆಯಲ್ಲಿ ಮಾತಾಡುವವರು ಗಂಡಸರು. ಊಟ ಮುಗಿಸಿ, ಪಾತ್ರೆ ತೊಳೆದು, ಹಿಂದಿನ ಜಗಲಿಯಲ್ಲಿ ಕೂತು ಹೊಗೆಸೊಪ್ಪಿಲ್ಲದ ಕವಳ ಹಾಕುವವರು ಹೆಂಗಸರು. ಅವರ ಬಾಯಿಯನ್ನು ಯಾರೂ ಟಾರ್ಚ್ ಬಿಟ್ಟು ನೋಡಿಲ್ಲ. ಬಾಯಿ ಬಿಗಿಯುವ ಈ ಕಾಯಿಲೆಯನ್ನು ಮೊದಲು ವೈದ್ಯಕೀಯ ಲೋಕಕ್ಕೆ ತೋರಿಸಿದ್ದು ಕೂಡ, 1952ರಲ್ಲಿ, ಕೀನ್ಯಾದಲ್ಲಿದ್ದ ಐವರು ಭಾರತೀಯ ಹೆಂಗಸರ ಬಾಯಿ ನೋಡಿದಾಗ.

ಅಜ್ಜಿಯ ವಿಷಯ. ಅವರಿಗೆ ಏನೂ ಆಗದಿದ್ದದ್ದು ಸಂತೋಷ. ಅಡಿಕೆ ಎಲ್ಲರಿಗೂ ಕ್ಯಾನ್ಸರ್ ತರುತ್ತದೆ ಎಂದು ಯಾರೂ ಹೇಳಿಲ್ಲ. ಕೇರಳದ ಎರ್ನಾಕುಲಂನಲ್ಲಿ ಬಾಯಿ ಬಿಗಿದ 66 ಮಂದಿಯನ್ನು 17 ವರ್ಷ ಹಿಂಬಾಲಿಸಿ ನೋಡಿದರು. ಐವರಿಗೆ ಕ್ಯಾನ್ಸರ್ ಬಂತು. ಉಳಿದ 61 ಮಂದಿಗೆ ಬರಲಿಲ್ಲ. ಇದು ನಿಮಗೆ ಧೈರ್ಯ ಕೊಡಲಿ. ಆದರೆ ಯಾರು ಆ ಐವರಲ್ಲಿ ಸೇರುತ್ತಾರೆ ಎಂದು ಮೊದಲೇ ಹೇಳಲು ಆಗುವುದಿಲ್ಲ. ಅದಕ್ಕೇ ತಪಾಸಣೆ ತಪ್ಪಿಸಬಾರದು.

ಔಷಧ ಗುಣ ಇದೆ ಎಂದಿರಿ. ಇದೆ. ನಾಯಿಗಳ ಹೊಟ್ಟೆಯ ಲಾಡಿಹುಳ ತೆಗೆಯಲು ಪಶುವೈದ್ಯರು ಅರೆಕೋಲಿನ್ ಕೊಡುತ್ತಿದ್ದರು. ಇನ್ನೂ ದೊಡ್ಡ ಸುದ್ದಿ 2024ರ ಸೆಪ್ಟೆಂಬರ್‌ನದು. ಸ್ಕಿಜೋಫ್ರೇನಿಯಾ ಎಂಬ ಮಾನಸಿಕ ಕಾಯಿಲೆಗೆ ಅಮೆರಿಕ ಒಂದು ಹೊಸ ಬಗೆಯ ಔಷಧಕ್ಕೆ ಒಪ್ಪಿಗೆ ಕೊಟ್ಟಿತು. ಅದರ ಒಂದು ಭಾಗ ಝನೋಮೆಲಿನ್. ಅರೆಕೋಲಿನ್‌ನ ರಚನೆಯನ್ನೇ ಮಾದರಿಯಾಗಿಟ್ಟು, ತಿದ್ದಿ ತಿದ್ದಿ ಪ್ರಯೋಗಾಲಯದಲ್ಲಿ ಮಾಡಿದ್ದು ಅದು. ಕವಳ ಹಾಕಿದಾಗ ಜೊಲ್ಲು ಸುರಿಯುತ್ತದಲ್ಲ, ಅಂಥದೇ ಪರಿಣಾಮ ಇದರಿಂದಲೂ ಆಗುತ್ತದೆ. ಅದನ್ನು ತಡೆಯಲು ಟ್ರೋಸ್ಪಿಯಂ ಎಂಬ ಇನ್ನೊಂದು ಔಷಧವನ್ನು ಅದೇ ಗುಳಿಗೆಯಲ್ಲಿ ಸೇರಿಸಿದ್ದಾರೆ. ಅಡಿಕೆ ಬೆಳೆಯುವ ನಾವು ಹೆಮ್ಮೆಪಡುವ ಕಥೆ ಇದು. ಆದರೆ ಔಷಧ ಆದದ್ದು ತಿದ್ದಿ, ಅಳೆದು, ವರ್ಷಗಟ್ಟಲೆ ಪರೀಕ್ಷೆ ಮಾಡಿದ ಮೇಲೆ. ದಿನಕ್ಕೆ ಹತ್ತು ಸಲ ಕೆನ್ನೆಯಲ್ಲಿ ಇಟ್ಟುಕೊಂಡ ಹೋಳು ಅಲ್ಲ.

ಇನ್ನು ದರದ ಮಾತು. ಶಿರಸಿ ಸುಪಾರಿಗೆ 2019ರಲ್ಲಿ ಜಿಐ (ಭೌಗೋಳಿಕ ಸೂಚಕ) ಮಾನ್ಯತೆ ಸಿಕ್ಕಾಗ ನಮ್ಮ ಪತ್ರಿಕೆಯೂ ಸಂಭ್ರಮಪಟ್ಟಿದೆ. ರಾಶಿ, ಚಾಲಿ, ಬೆಟ್ಟೆ ಎಂಬ ಅಡಿಕೆ ಬಗೆಗಳ ದರದ ಮೇಲೆ ಇಲ್ಲಿನ ಮಕ್ಕಳ ಶಾಲೆ, ಮದುವೆ, ಆಸ್ಪತ್ರೆ ಎಲ್ಲ ನಿಂತಿದೆ. ಎಲೆಚುಕ್ಕಿ ರೋಗ, ಕೊಳೆರೋಗ, ಕಳ್ಳಸಾಗಣೆಯ ಅಡಿಕೆ, ಇವುಗಳ ವಿರುದ್ಧ ಬೆಳೆಗಾರರು ಎಷ್ಟು ಜೋರಾಗಿ ಕೂಗಿದರೂ ನಾವು ಜೊತೆಗಿರುತ್ತೇವೆ. ಕಾಸರಗೋಡಿನ ಕೇಂದ್ರೀಯ ತೋಟ ಬೆಳೆಗಳ ಸಂಶೋಧನಾ ಸಂಸ್ಥೆಯ (ಸಿಪಿಸಿಆರ್‌ಐ) ಮುಂದಾಳತ್ವದಲ್ಲಿ ಅಡಿಕೆ ಮತ್ತು ಆರೋಗ್ಯದ ಬಗ್ಗೆ ಹೊಸ ಅಧ್ಯಯನಕ್ಕೆ ಕೇಂದ್ರ ಸರ್ಕಾರ ಕೈ ಹಾಕಿದೆ. ಅದರ ಫಲಿತಾಂಶ ಏನೇ ಬರಲಿ, ಪೂರ್ತಿ ಅಚ್ಚು ಮಾಡುತ್ತೇವೆ. ಆದರೆ ವೈದ್ಯರ ಬಾಯಿ ಮುಚ್ಚಿಸಿ ದರ ಉಳಿಸಿಕೊಳ್ಳುವ ದಾರಿ ನನಗೆ ಸರಿ ಕಾಣುವುದಿಲ್ಲ. ಆ ಮೌನಕ್ಕೆ ಬೆಲೆ ಕೊಡುವವರು ನಮ್ಮ ಮನೆಯವರೇ.

ಚಿಕಿತ್ಸೆಗೆ ಬರೋಣ. ಇಲ್ಲಿ ಸುಳ್ಳು ಭರವಸೆ ಕೊಡಲಾರೆ. ಬೆಸೆದ ನಾರನ್ನು ಪೂರ್ತಿ ಕರಗಿಸುವ ಮಾತ್ರೆ ಇನ್ನೂ ಇಲ್ಲ. ಕೆನ್ನೆಗೆ ಸ್ಟಿರಾಯ್ಡ್ ಮತ್ತು ಹಯಲುರಾನಿಡೇಸ್ ಇಂಜೆಕ್ಷನ್ ಕೊಡುತ್ತಾರೆ. ಲೈಕೋಪಿನ್, ಪೆಂಟಾಕ್ಸಿಫಿಲಿನ್ ಮಾತ್ರೆ ಕೊಡುತ್ತಾರೆ. ಉರಿ ಕಡಿಮೆಯಾಗಬಹುದು, ಬಾಯಿ ಕೆಲವು ಮಿಲಿಮೀಟರ್ ಹೆಚ್ಚು ತೆರೆಯಬಹುದು. ಆದರೆ ಪ್ರಯೋಗಗಳನ್ನೆಲ್ಲ ಒಟ್ಟಿಗೆ ಇಟ್ಟು ತೂಗಿದ 2008ರ ಕಾಕ್ರೇನ್ ಪರಿಶೀಲನೆಗೆ ಗಟ್ಟಿ ಪುರಾವೆ ಸಿಗಲಿಲ್ಲ. ತುಂಬಾ ಬಿಗಿದಿದ್ದರೆ ಪಟ್ಟಿ ಕತ್ತರಿಸುವ ಶಸ್ತ್ರಚಿಕಿತ್ಸೆ ಇದೆ. ಅದಾದ ಮೇಲೂ ತಿಂಗಳುಗಟ್ಟಲೆ ಬಾಯಿ ತೆರೆಯುವ ವ್ಯಾಯಾಮ ಮಾಡದಿದ್ದರೆ ಮತ್ತೆ ಬಿಗಿಯುತ್ತದೆ. ಕವಳ ಮುಂದುವರಿದರೆ ಇದ್ಯಾವುದೂ ನಿಲ್ಲುವುದಿಲ್ಲ. ಅದಕ್ಕೇ ಕೊಯ್ಲಿನವರೆಗೆ ಕಾಯಬೇಡಿ ಎಂದು ಅಷ್ಟು ಒತ್ತಿ ಹೇಳಿದ್ದು.

ಬಿಡುವುದು ಸುಲಭವಲ್ಲ. ಅವರನ್ನು ಬೈಯಬೇಡಿ. ನಿಕೋಟಿನ್ ಮಿದುಳಿನಲ್ಲಿ ಹಿಡಿಯುವ ಕೆಲವು ಜಾಗಗಳನ್ನೇ ಅರೆಕೋಲಿನ್ ಕೂಡ ಹಿಡಿಯುತ್ತದೆ. ಇದು ಚಟವೇ, ಬರೀ ಸಂಪ್ರದಾಯವಲ್ಲ. ತೈವಾನಿನ ಒಂದು ಪ್ರಯೋಗದಲ್ಲಿ ಖಿನ್ನತೆಗೆ ಕೊಡುವ ಮಾತ್ರೆಗಳನ್ನು ಕವಳ ಬಿಡಿಸಲು ಕೊಟ್ಟು ನೋಡಿದರು. ಸುಮಾರು ಮೂವರಲ್ಲಿ ಒಬ್ಬರು ಬಿಟ್ಟರು. ಔಷಧವಿಲ್ಲದ ಗುಳಿಗೆ ನುಂಗಿದವರಲ್ಲಿ ನೂರಕ್ಕೆ ಆರೇಳು ಮಂದಿ ಮಾತ್ರ. ಎಲ್ಲರಿಗೂ ಈ ಮಾತ್ರೆ ಬೇಕು ಎಂದಲ್ಲ. ಬಿಡಲು ಆಗದಿದ್ದರೆ ವೈದ್ಯರ ಸಹಾಯ ಕೇಳಬಹುದು, ಅದರಲ್ಲಿ ನಾಚಿಕೆಯಿಲ್ಲ. ನೀವೂ ಜೊತೆಗೆ ಬಿಟ್ಟು, ಕವಳದ ಬಟ್ಟಲನ್ನು ಕಣ್ಣೆದುರಿನಿಂದ ತೆಗೆದರೆ ಅವರಿಗೆ ಅರ್ಧ ಭಾರ ಇಳಿಯುತ್ತದೆ.

ಅಕಸ್ಮಾತ್ ಕ್ಯಾನ್ಸರ್ ಇದ್ದರೂ ಬೇಗ ಸಿಕ್ಕರೆ ದಾರಿ ಇದೆ. ತಿರುವನಂತಪುರದಲ್ಲಿ ತರಬೇತಿ ಪಡೆದ ಆರೋಗ್ಯ ಕಾರ್ಯಕರ್ತರು ಮನೆಮನೆಗೆ ಹೋಗಿ ಜನರ ಬಾಯಿ ನೋಡಿದರು, ಅಷ್ಟೇ. ತಂಬಾಕು ಅಥವಾ ಮದ್ಯದ ಅಭ್ಯಾಸ ಇದ್ದವರಲ್ಲಿ ಬಾಯಿ ಕ್ಯಾನ್ಸರ್ ಸಾವು ಸುಮಾರು ಮೂರನೇ ಒಂದು ಭಾಗ ಕಡಿಮೆಯಾಯಿತು. 2005ರಲ್ಲಿ ಬಂದ ಈ ಫಲಿತಾಂಶ ನಮ್ಮ ಜಿಲ್ಲೆಯ ಪ್ರತಿ ಪಂಚಾಯತಿಯಲ್ಲೂ ಚರ್ಚೆಯಾಗಬೇಕಿತ್ತು. ಮುಂಬೈನ ಟಾಟಾ ಮೆಮೋರಿಯಲ್ ವೈದ್ಯರು 2015ರಲ್ಲಿ ತೋರಿಸಿದಂತೆ, ಆರಂಭದ ಬಾಯಿ ಕ್ಯಾನ್ಸರ್‌ನಲ್ಲಿ ಕುತ್ತಿಗೆಯ ಗ್ರಂಥಿಗಳನ್ನು ಮೊದಲ ಆಪರೇಷನ್‌ನಲ್ಲೇ ತೆಗೆದರೆ ಮೂರು ವರ್ಷ ಬದುಕಿದವರು ನೂರಕ್ಕೆ 80. ಗ್ರಂಥಿಯಲ್ಲಿ ಗಂಟು ಕಂಡ ಮೇಲೆ ತೆಗೆದರೆ 67.5. ಆಪರೇಷನ್ ಎಂದರೆ "ಅಷ್ಟೆಲ್ಲ ಯಾಕೆ ಕತ್ತರಿಸುತ್ತೀರಿ" ಎಂದು ಜಗಳಕ್ಕೆ ನಿಲ್ಲುವ ಸಂಬಂಧಿಕರಿಗೆ ಈ ಅಂಕಿ ಹೇಳಿ.

ವೈದ್ಯರ ಹತ್ತಿರ ಹೋದಾಗ ಎಷ್ಟು ವರ್ಷದಿಂದ ಕವಳ, ದಿನಕ್ಕೆ ಎಷ್ಟು, ರಾತ್ರಿ ಬಾಯಲ್ಲಿಟ್ಟು ಮಲಗುವುದುಂಟೇ ಎಂಬುದನ್ನು ಮುಚ್ಚಿಡದೆ ಹೇಳಲಿ. ನೀವು ಕೋಣೆಯಿಂದ ಹೊರಗಿದ್ದರೆ ಅವರಿಗೆ ಹೇಳುವುದು ಸುಲಭವಾದೀತು. ರಕ್ತಹೀನತೆ ಇದೆಯೇ ಎಂದು ಹಿಮೋಗ್ಲೋಬಿನ್ ನೋಡಿಸಿ. ಮುಂದೆ ಯಾವತ್ತಾದರೂ ಬೇರೆ ಕಾಯಿಲೆಗೆ ಆಪರೇಷನ್ ಆಗುವುದಿದ್ದರೆ, ಬಾಯಿ ಪೂರ್ತಿ ತೆರೆಯುವುದಿಲ್ಲ ಎಂದು ಅರಿವಳಿಕೆ ವೈದ್ಯರಿಗೆ ಮೊದಲೇ ತಿಳಿಸಬೇಕು. ಉಸಿರಿನ ಕೊಳವೆ ಹಾಕುವಾಗ ಇದು ಜೀವದ ಪ್ರಶ್ನೆ. ವ್ಯಾಯಾಮ ಶುರುವಾದ ಮೇಲೆ ವಾರಕ್ಕೊಮ್ಮೆ ಸ್ಕೇಲ್ ಹಿಡಿದು ಮುಂಹಲ್ಲುಗಳ ನಡುವಿನ ಅಂತರವನ್ನು ಮಿಲಿಮೀಟರಿನಲ್ಲಿ ಅಳೆದು ಕ್ಯಾಲೆಂಡರಿನಲ್ಲಿ ಬರೆದಿಡಿ. ಶಿರಸಿಯಲ್ಲಿ ತೋರಿಸಿದ ಮೇಲೆ ಹುಬ್ಬಳ್ಳಿಗೋ ಕಾರವಾರಕ್ಕೋ ಕಳಿಸಿದರೆ ಆ ಲೆಕ್ಕ ಅಲ್ಲಿಯ ವೈದ್ಯರಿಗೂ ಬೇಕಾಗುತ್ತದೆ. ರೇಷನ್ ಕಾರ್ಡ್, ಆಧಾರ್ ಜೊತೆಗಿರಲಿ. ಆಯುಷ್ಮಾನ್ ಭಾರತ್ ಆರೋಗ್ಯ ಕರ್ನಾಟಕ ಯೋಜನೆಯಲ್ಲಿ ಬಿಪಿಎಲ್ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷ ರೂಪಾಯಿವರೆಗೆ ನೆರವು ಇದೆ. ಎಪಿಎಲ್ ಆದರೆ ಚಿಕಿತ್ಸೆಯ ನಿಗದಿತ ದರದ ಶೇ 30, ವರ್ಷಕ್ಕೆ 1.5 ಲಕ್ಷದವರೆಗೆ. ಯಾವ ಚಿಕಿತ್ಸೆಗೆ ಸಿಗುತ್ತದೆ ಎಂದು ಆಸ್ಪತ್ರೆಯ ಆರೋಗ್ಯಮಿತ್ರರನ್ನು ಮೊದಲೇ ಕೇಳಿಕೊಳ್ಳಿ.